ಲೈಸೆನ್ಸ್ ಮೊದಲಾ, ಬಂದೂಕು ಮೊದಲಾ?

ಈ ಸಲದ ಪತ್ರಗಳನ್ನು ನೋಡಿ ನನಗೇ ಆಶ್ಚರ್ಯ ಆಯಿತು. ಪಹಣಿ, ಪೋಡಿ, ಖಾತೆ ಎಲ್ಲ ಬಿಟ್ಟು ಏಳೆಂಟು ಮಂದಿ ಬಂದೂಕಿನ ಬಗ್ಗೆಯೇ ಕೇಳಿದ್ದಾರೆ. ಡಿಸಿ ಆಫೀಸಿನ ಮ್ಯಾಗ್ ಸೆಕ್ಷನ್‌ನಲ್ಲಿ, ಅಂದರೆ ಬಂದೂಕು ಲೈಸೆನ್ಸಿನ ಫೈಲ್ ನೋಡುವ ವಿಭಾಗದಲ್ಲಿ, ಕೆಲವು ವರ್ಷ ಫೈಲ್ ಹೊತ್ತವನು ನಾನು. ಹಾಗಾಗಿ ಇದು ನನಗೆ ಪರಿಚಯದ ಕೆಲಸವೇ.

ಆಗ ಒಬ್ಬ ಯಜಮಾನರು ಗೋಣಿಚೀಲದಲ್ಲಿ ಉದ್ದಕ್ಕೆ ಏನನ್ನೋ ಸುತ್ತಿಕೊಂಡು ನೇರ ನನ್ನ ಟೇಬಲ್ ಹತ್ತಿರ ಬಂದಿದ್ದರು. ಬಿಚ್ಚಿದರೆ ನಾಡ ಬಂದೂಕು! "ಇದಕ್ಕೊಂದು ಲೈಸನ್ ಮಾಡಿಕೊಡ್ರಿ ಸಾಹೇಬ್ರೆ, ಭಾಳ ವರ್ಷದಿಂದ ಮನ್ಯಾಗ ಐತಿ" ಅಂದರು. ಟ್ರ್ಯಾಕ್ಟರ್ ತಂದು ಆಮೇಲೆ ನಂಬರ್ ಹಾಕಿಸುತ್ತೀವಲ್ಲ, ಇದೂ ಹಾಗೇ ಅಂದುಕೊಂಡಿದ್ದರು ಪಾಪ. ಬಂದೂಕು ಸ್ಟೇಷನ್ನಿಗೆ ಹೋಯಿತು, ಯಜಮಾನರು ಕೋರ್ಟಿಗೆ ಅಲೆದರು. ಈ ಸಲದ ಪತ್ರಗಳಲ್ಲಿ ಅರ್ಧಕ್ಕರ್ಧ ಅದೇ ಗೋಣಿಚೀಲದ ಕಥೆ, ಅದಕ್ಕೇ ಇದನ್ನು ಮೊದಲೇ ಹೇಳಿಬಿಟ್ಟೆ.

ಪ್ರಶ್ನೆ: ಮೂರು ಎಕರೆ ಮೆಕ್ಕೆಜೋಳ ಹಾಕಿದ್ದೇನೆ. ರಾತ್ರಿ ಕಾಡುಹಂದಿ ಕಾಟ ತಡೆಯೋಕಾಗ್ತಿಲ್ಲ. ಬಂದೂಕು ಅಂಗಡಿಗೆ ಹೋಗಿ ಆಧಾರ್, ಪಹಣಿ ಎರಡನ್ನೂ ತೋರಿಸಿದೆ. ಕೊಡಲ್ಲ ಅಂತ ವಾಪಸ್ ಕಳಿಸಿದರು. ಗುರುತಿನ ಚೀಟಿ ಇದ್ದರೂ ಯಾಕೆ ಕೊಡಲ್ಲ?
– ರೈತ, ಜಗಳೂರು ತಾಲ್ಲೂಕು

ಉತ್ತರ: ಅಂಗಡಿಯವರು ಸರಿಯಾಗೇ ಮಾಡಿದ್ದಾರೆ. ಆಧಾರ್ ನೀವು ಯಾರು ಅಂತ ಹೇಳುತ್ತದೆ, ನಿಮ್ಮ ಕೈಗೆ ಬಂದೂಕು ಕೊಡಬಹುದಾ ಅಂತ ಹೇಳುವುದಿಲ್ಲ. ಅದನ್ನು ಹೇಳಬೇಕಾದವರು ಜಿಲ್ಲಾಧಿಕಾರಿ. 1959ರ ಆಯುಧ ಕಾಯ್ದೆ ಪ್ರಕಾರ ಲೈಸೆನ್ಸ್ ಇಲ್ಲದೆ ಬಂದೂಕು ಕೊಳ್ಳುವುದೂ ತಪ್ಪು, ಇಟ್ಟುಕೊಳ್ಳುವುದೂ ತಪ್ಪು, ಲೈಸೆನ್ಸ್ ನೋಡದೆ ಮಾರಿದರೆ ಅಂಗಡಿಯವರ ಮೇಲೂ ಕೇಸು.

ದಾರಿ ಹೀಗಿದೆ. 2016ರ ಆಯುಧ ನಿಯಮಗಳಲ್ಲಿ ಎ-1 ಅಂತ ಒಂದು ಅರ್ಜಿ ನಮೂನೆ ಇದೆ, ಅದನ್ನು ತುಂಬಿ ಡಿಸಿಯವರಿಗೆ ಕೊಡಬೇಕು. ಜೊತೆಗೆ ಫೋಟೊ, ಹುಟ್ಟಿದ ದಿನಾಂಕದ ದಾಖಲೆ, ಗುರುತಿನ ದಾಖಲೆ, ವಿಳಾಸದ ದಾಖಲೆ ಬೇಕು. ನಿಮ್ಮ ಆಧಾರ್ ಕೆಲಸಕ್ಕೆ ಬರುವುದು ಇಲ್ಲಿ. ದೇಹ, ಮನಸ್ಸು ಎರಡೂ ಸರಿಯಿದೆ ಅಂತ ಡಾಕ್ಟರ್ ಸರ್ಟಿಫಿಕೇಟ್ ಬೇಕು. ಬಂದೂಕನ್ನು ಮನೆಯಲ್ಲಿ ಭದ್ರವಾಗಿ ಇಡುತ್ತೇನೆ ಅಂತ ಮುಚ್ಚಳಿಕೆ ಬರೆದುಕೊಡಬೇಕು, ಸುರಕ್ಷಿತವಾಗಿ ಬಳಸುವ ತರಬೇತಿಯ ಸರ್ಟಿಫಿಕೇಟ್ ಕೂಡ ಬೇಕಾಗುತ್ತದೆ. ನಾಗರಿಕ ಬಂದೂಕು ತರಬೇತಿ ಅಂತ ಕೆಲವು ಜಿಲ್ಲೆಗಳಲ್ಲಿ ಪೊಲೀಸರೇ ಶಿಬಿರ ನಡೆಸುತ್ತಾರೆ, ಎಸ್ಪಿ ಆಫೀಸಿನಲ್ಲಿ ವಿಚಾರಿಸಿ.

ಆಮೇಲೆ ಫೈಲ್ ನಿಮ್ಮ ಸ್ಟೇಷನ್ನಿಗೆ ಹೋಗುತ್ತದೆ. ಪೊಲೀಸರು ಕೇಸುಗಳಿವೆಯಾ ನೋಡುತ್ತಾರೆ, ಅಕ್ಕಪಕ್ಕದವರನ್ನು ಕೇಳುತ್ತಾರೆ. ಬದುವಿನ ವ್ಯಾಜ್ಯದಲ್ಲಿ ಅಣ್ಣತಮ್ಮಂದಿರು ಬಡಿದಾಡಿಕೊಂಡು ಸ್ಟೇಷನ್ ಮೆಟ್ಟಿಲು ಹತ್ತಿದ್ದರೆ ಅದೂ ರಿಪೋರ್ಟಿನಲ್ಲಿ ಬರುತ್ತದೆ. ನಾನು ನೋಡಿದ ಫೈಲ್‌ಗಳಲ್ಲಿ ಜಾಸ್ತಿ ಬಿದ್ದುಹೋಗಿದ್ದು ಇಲ್ಲೇ. ಬೀಳಬೇಕಾದ್ದೂ ಹೌದು ಅನ್ನಿ, ಜಮೀನಿನ ಜಗಳ ಇರುವ ಮನೆಗೆ ಬಂದೂಕು ಯಾಕೆ?

ಡಿಸಿ ಒಪ್ಪಿದರೆ ಲೈಸೆನ್ಸ್ ಬರುತ್ತದೆ. ಅದರಲ್ಲಿ ಯುಐಎನ್ ಅಂತ ನಿಮ್ಮದೇ ಒಂದು ಗುರುತಿನ ನಂಬರ್ ಇರುತ್ತದೆ, ಅದು ದೇಶದ ಆನ್‌ಲೈನ್ ದಾಖಲೆಯಲ್ಲೂ ಇರುತ್ತದೆ. ಯಾವ ನಮೂನೆಯ ಬಂದೂಕು, ಎಷ್ಟು ತೋಟಾ, ಯಾವ ಪ್ರದೇಶದೊಳಗೆ ಒಯ್ಯಬಹುದು, ಎಷ್ಟು ದಿನದೊಳಗೆ ಕೊಳ್ಳಬೇಕು ಎಲ್ಲ ಅದರಲ್ಲೇ ಬರೆದಿರುತ್ತದೆ. ಅದನ್ನು ಹಿಡಿದುಕೊಂಡು ಅಂಗಡಿಗೆ ಹೋಗಿ, ಕೊಂಡ ಮೇಲೆ ಬಂದೂಕಿನ ನಂಬರನ್ನು ಲೈಸೆನ್ಸಿನಲ್ಲಿ ಬರೆಸಿ, ತಂದು ತೋರಿಸಬೇಕು.

ಈಗ ಹಂದಿ ವಿಷಯ. ಬೆಳೆ ಕಾಯಲಿಕ್ಕೆ ಅಂತ ಮುಂದಿನಿಂದ ಮದ್ದು ತುಂಬುವ ಬಂದೂಕಿಗೆ ಲೈಸೆನ್ಸ್ ಕೊಡುವ ಅವಕಾಶ ಕಾಯ್ದೆಯ 13ನೇ ಸೆಕ್ಷನ್‌ನಲ್ಲೇ ಇದೆ. ಆದರೆ ನೀವು ಜಗಳೂರಿನವರು. ನಿಮ್ಮ ಊರು ರಂಗಯ್ಯನದುರ್ಗದ ಕೊಂಡುಕುರಿ (ನಾಲ್ಕು ಕೊಂಬಿನ ಜಿಂಕೆಯಂಥ ಪ್ರಾಣಿ) ಅಭಯಾರಣ್ಯದಿಂದ ಎಷ್ಟು ದೂರ ಅಂತ ಪತ್ರದಲ್ಲಿ ಬರೆದಿಲ್ಲ. 10 ಕಿಲೋಮೀಟರ್ ಒಳಗಿದ್ದರೆ, 1972ರ ವನ್ಯಜೀವಿ ಕಾಯ್ದೆಯ 34ನೇ ಸೆಕ್ಷನ್ ಪ್ರಕಾರ ಮುಖ್ಯ ವನ್ಯಜೀವಿ ಪರಿಪಾಲಕರು ಮೊದಲೇ ಒಪ್ಪದೆ ಡಿಸಿಯವರೂ ಹೊಸ ಲೈಸೆನ್ಸ್ ಕೊಡುವ ಹಾಗಿಲ್ಲ. ಚಿತ್ರದುರ್ಗದ ಜೋಗಿಮಟ್ಟಿ ಅಭಯಾರಣ್ಯದ ಸುತ್ತಮುತ್ತಲಿನವರಿಗೂ ಇದೇ ಮಾತು. ಅರ್ಜಿ ಕೊಟ್ಟು ವರ್ಷಗಟ್ಟಲೆ ಕಾಯುವವರಿಗೆ ಈ 10 ಕಿಲೋಮೀಟರ್ ಲೆಕ್ಕವನ್ನು ಯಾರೂ ಹೇಳಿರುವುದಿಲ್ಲ.

ಇನ್ನೊಂದು. ಲೈಸೆನ್ಸ್ ಸಿಕ್ಕಿತು ಅಂತ ಹಂದಿ ಹೊಡೆಯುವ ಹಾಗಿಲ್ಲ. ಹಂದಿಯೂ ವನ್ಯಜೀವಿ ಕಾಯ್ದೆಯ ಪಟ್ಟಿಯಲ್ಲಿದೆ, ಹೊಡೆಯಲು ಅರಣ್ಯ ಇಲಾಖೆಯ ಅನುಮತಿ ಬೇರೆ ಬೇಕು. ಗಾಳಿಗೆ ಗುಂಡು ಹಾರಿಸಿ ಬೆದರಿಸುವುದಷ್ಟೇ ಆದರೆ ತಮಟೆ, ಪಟಾಕಿ, ಸೋಲಾರ್ ಬೇಲಿಯಿಂದಲೂ ಆಗುತ್ತದಲ್ಲ? ಕತ್ತಲಲ್ಲಿ ಜೋಳದ ಗಿಡ ಅಲ್ಲಾಡಿದ್ದು ಹಂದಿಯಿಂದಲೋ, ಕೊಂಡುಕುರಿಯಿಂದಲೋ, ನೀರು ಕಟ್ಟಲು ಬಂದ ಪಕ್ಕದ ಹೊಲದವನಿಂದಲೋ ಹೇಗೆ ಗೊತ್ತಾಗಬೇಕು? ಬೆಳೆ ಹಾಳಾದ ಮರುದಿನವೇ ಫೋಟೊ ತೆಗೆದು, ಪಹಣಿ ಹಚ್ಚಿ, ವಲಯ ಅರಣ್ಯಾಧಿಕಾರಿ ಕಚೇರಿಯಲ್ಲಿ ಪರಿಹಾರಕ್ಕೆ ಅರ್ಜಿ ಹಾಕಿ. ದುಡ್ಡು ಕಡಿಮೆ ಅಂತ ನೀವು ಬೈಯುತ್ತೀರಿ, ಗೊತ್ತು. ಆದರೂ ಹಾಕಿ.

ಪ್ರಶ್ನೆ: ಅಡಿಕೆ ವ್ಯಾಪಾರ. ಸಂಜೆ ಹೊತ್ತು ನಗದು ಇಟ್ಟುಕೊಂಡು ಚನ್ನಗಿರಿಯಿಂದ ದಾವಣಗೆರೆಗೆ ಒಬ್ಬನೇ ಬರುತ್ತೇನೆ. ಪಿಸ್ತೂಲ್ ತಗೊಳ್ಳೋಣ ಅಂತ. 9 ಎಂಎಂ ಒಳ್ಳೆಯದಂತೆ? ನನ್ನ ಹೆಸರಲ್ಲಿ ಆಸ್ತಿ ಏನೂ ಇಲ್ಲ, ಎಲ್ಲ ತಂದೆ ಹೆಸರಲ್ಲಿದೆ. ತೊಂದರೆ ಆಗುತ್ತಾ?
– ವ್ಯಾಪಾರಿ, ದಾವಣಗೆರೆ

ಉತ್ತರ: ಆಸ್ತಿ ಇಲ್ಲ ಅನ್ನುವ ಒಂದೇ ಕಾರಣಕ್ಕೆ ಲೈಸೆನ್ಸ್ ನಿರಾಕರಿಸುವ ಹಾಗಿಲ್ಲ ಅಂತ ಆಯುಧ ಕಾಯ್ದೆಯ 14ನೇ ಸೆಕ್ಷನ್‌ನಲ್ಲೇ ಇದೆ. ಬಂದೂಕು ಅಂದರೆ ಗೌಡರ ಮನೆ ಆಸ್ತಿ ಅನ್ನುವ ಕಾಲದಿಂದ ಬಂದ ನಂಬಿಕೆ ಅದು. 9 ಎಂಎಂ ಮರೆತುಬಿಡಿ, ಅದು ನಿಷೇಧಿತ ಬೋರ್ (ಬೋರ್ ಅಂದರೆ ನಳಿಗೆಯ ಒಳಗಿನ ಅಳತೆ), ಸಾಮಾನ್ಯ ಜನರಿಗೆ ಅಲ್ಲ. ಕೈಯಲ್ಲಿ ಹಿಡಿಯುವ ಆಯುಧಕ್ಕೆ ಲೈಸೆನ್ಸ್ ಇರುವವರು ಸಾಮಾನ್ಯವಾಗಿ ಕೊಳ್ಳುವುದು ಪಾಯಿಂಟ್ 32 ರಿವಾಲ್ವರ್ ಅಥವಾ ಪಿಸ್ತೂಲ್.

ಅರ್ಜಿಯಲ್ಲಿ "ಪ್ರಾಣ ರಕ್ಷಣೆಗೆ" ಅಂತ ಒಂದು ಸಾಲು ಬರೆದರೆ ಸಾಲದು. ಬೆದರಿಕೆ ಬಂದಿದ್ದರೆ, ಗಾಡಿ ಅಡ್ಡ ಹಾಕಿದ್ದರೆ, ಸ್ಟೇಷನ್ನಿನಲ್ಲಿ ದೂರು ಕೊಟ್ಟಿದ್ದರೆ ಆ ಪ್ರತಿ ಲಗತ್ತಿಸಿ. ಜಿಎಸ್‌ಟಿ ದಾಖಲೆ, ಬ್ಯಾಂಕ್ ಸ್ಟೇಟ್‌ಮೆಂಟ್ ಇಡಿ. ಇಷ್ಟೆಲ್ಲ ಮಾಡಿಯೂ ಆಗಲ್ಲ ಅಂದರೆ ಕಾರಣ ಬರವಣಿಗೆಯಲ್ಲಿ ಕೇಳಿ ಪಡೆಯಿರಿ, ಅದರ ಮೇಲೆ ಮೇಲ್ಮನವಿಗೆ ಅವಕಾಶ ಇದೆ. ನನ್ನ ಸ್ವಂತ ಅಭಿಪ್ರಾಯ ಕೇಳಿದರೆ, ಆರ್‌ಟಿಜಿಎಸ್ ಇರುವ ಈ ಕಾಲದಲ್ಲಿ ಅಷ್ಟು ನಗದು ಹೊತ್ತುಕೊಂಡು ಒಬ್ಬರೇ ಓಡಾಡುವುದನ್ನು ನಿಲ್ಲಿಸುವುದೇ ಮೊದಲ ಕೆಲಸ. ಪಿಸ್ತೂಲ್ ಸೊಂಟದಲ್ಲಿದ್ದರೆ ಕಳ್ಳನಿಗೆ ಕದಿಯಲು ಎರಡು ವಸ್ತು ಆಗುತ್ತವೆ ಅಷ್ಟೇ.

ಪ್ರಶ್ನೆ: ನಮ್ಮದು ಹರಪನಹಳ್ಳಿ ಕಡೆ. ಅಜ್ಜನ ಜೋಡಿ ನಳಿಗೆ ಬಂದೂಕು ಅಟ್ಟದ ಮೇಲಿದೆ. ಅಜ್ಜ ತೀರಿಹೋಗಿ ಎರಡು ವರ್ಷ ಆಯಿತು. ಲೈಸೆನ್ಸ್ ಬುಕ್‌ನಲ್ಲಿ ಬಳ್ಳಾರಿ ಸೀಲ್ ಇದೆ, ನವೀಕರಣದ ಸೀಲ್ ದಾವಣಗೆರೆಯದ್ದು. ನನ್ನ ಹೆಸರಿಗೆ ಮಾಡಿಸಿಕೊಳ್ಳಬೇಕು. ಯಾವ ಆಫೀಸಿಗೆ ಹೋಗಲಿ?
– ಮೊಮ್ಮಗ

ಉತ್ತರ: ನಿಮ್ಮ ಬುಕ್ ಒಂದೇ ಇಡೀ ಕಥೆ ಹೇಳುತ್ತದೆ ನೋಡಿ. 1997ರ ಆಗಸ್ಟ್ 15ರಂದು ದಾವಣಗೆರೆ ಜಿಲ್ಲೆ ಆದಾಗ ಹರಪನಹಳ್ಳಿ ಬಳ್ಳಾರಿಯಿಂದ ಇತ್ತ ಬಂತು, 2018ರಲ್ಲಿ ವಾಪಸ್ ಬಳ್ಳಾರಿಗೆ ಹೋಯಿತು, ಈಗ ವಿಜಯನಗರ ಜಿಲ್ಲೆಯಲ್ಲಿದೆ. ಹೊನ್ನಾಳಿ, ಚನ್ನಗಿರಿಯ ಹಳೇ ಬುಕ್‌ಗಳಲ್ಲಿ ಶಿವಮೊಗ್ಗದ ಸೀಲ್, ಹರಿಹರ, ಜಗಳೂರಿನವರದ್ದರಲ್ಲಿ ಚಿತ್ರದುರ್ಗದ ಸೀಲ್. ಜಿಲ್ಲೆ ಒಡೆದಾಗ ನಮ್ಮ ಸೆಕ್ಷನ್ನಿಗೆ ಫೈಲ್‌ಗಳು ಬಂದ ಪರಿ ನೆನೆಸಿಕೊಂಡರೆ ಈಗಲೂ ತಲೆ ತಿರುಗುತ್ತದೆ. ಈಗ ನೀವು ವಾಸ ಇರುವ ಜಿಲ್ಲೆಯ ಡಿಸಿ ಆಫೀಸಿಗೇ ಹೋಗಬೇಕು. ಅವರು ಹಳೇ ಜಿಲ್ಲೆಗೆ ಪತ್ರ ಬರೆದು ಖಾತ್ರಿ ಮಾಡಿಕೊಳ್ಳುತ್ತಾರೆ. ಎಲ್ಲ ಪುಟಗಳ ಜೆರಾಕ್ಸ್ ಇಟ್ಟುಕೊಂಡಿರಿ.

ಆದರೆ ಅದಕ್ಕೂ ಮೊದಲು ಆ ಬಂದೂಕನ್ನು ಅಟ್ಟದಿಂದ ಇಳಿಸಿ. ಲೈಸೆನ್ಸ್ ಇದ್ದವರು ತೀರಿಹೋದ ಮೇಲೆ ಮನೆಯವರು ತಡ ಮಾಡದೆ ಅದನ್ನು ಸ್ಟೇಷನ್ನಿನಲ್ಲೋ ಲೈಸೆನ್ಸ್ ಇರುವ ಡೀಲರ್ ಹತ್ತಿರವೋ ಜಮಾ ಮಾಡಿ ರಸೀದಿ ಪಡೆಯಬೇಕು. ಲೈಸೆನ್ಸ್ ಅಜ್ಜನದು, ಅವರ ಜೊತೆಗೇ ಮುಗಿಯಿತು. ಈ ಎರಡು ವರ್ಷ ಅದು ಲೈಸೆನ್ಸ್ ಇಲ್ಲದ ಬಂದೂಕೇ. ನೀವೇ ಹೊತ್ತುಕೊಂಡು ಬಸ್ ಹತ್ತಬೇಡಿ ಮತ್ತೆ! ಒಬ್ಬ ವಕೀಲರನ್ನು ಕಂಡು ಸ್ಟೇಷನ್ನಿಗೆ ಮೊದಲು ತಿಳಿಸಿ, ಅವರು ಹೇಳಿದ ಹಾಗೆ ಒಪ್ಪಿಸಿ. ತಾವಾಗಿ ಹೋಗಿ ಹೇಳುವುದಕ್ಕೂ ಸಿಕ್ಕಿಬೀಳುವುದಕ್ಕೂ ಬಹಳ ವ್ಯತ್ಯಾಸ ಇದೆ.

ಆಮೇಲೆ ವಾರಸುದಾರ ಅಂತ ಅರ್ಜಿ ಹಾಕಿ. ಮರಣ ಪ್ರಮಾಣಪತ್ರ, ವಂಶವೃಕ್ಷ, ಉಳಿದ ವಾರಸುದಾರರ ಒಪ್ಪಿಗೆ ಬೇಕು. ಅತ್ತೆಯಂದಿರ ಸಹಿಯೂ ಸೇರಿ. ವಾರಸುದಾರ ಆದರೂ ಪೊಲೀಸ್ ವಿಚಾರಣೆ, ಡಾಕ್ಟರ್ ಸರ್ಟಿಫಿಕೇಟ್ ಯಾವುದೂ ತಪ್ಪಲ್ಲ. ಅಜ್ಜ ಒಳ್ಳೆಯವರಿದ್ದರು ಅಂತ ಮೊಮ್ಮಗನಿಗೆ ಲೈಸೆನ್ಸ್ ಕೊಡುವುದಿಲ್ಲ. ಮನೆಯಲ್ಲಿ ಹಿರಿಯರು ಇನ್ನೂ ಇರುವವರು ಗಮನಿಸಿ: ಲೈಸೆನ್ಸ್‌ದಾರರಿಗೆ 70 ವರ್ಷ ಆಗಿದ್ದರೆ ಅಥವಾ ಆ ಬಂದೂಕು 25 ವರ್ಷದಿಂದ ಅವರ ಹತ್ತಿರ ಇದ್ದರೆ, ಅವರು ಬದುಕಿರುವಾಗಲೇ ವಾರಸುದಾರರಿಗೆ ಕೊಡಿಸಲು ಅರ್ಜಿ ಹಾಕಬಹುದು. ಇದು ಎಷ್ಟೋ ಸುಲಭ. ಹಾಗೇ, ಆಯುಧ ಕಾಯ್ದೆಗೆ 2019ರ ತಿದ್ದುಪಡಿ ಆದ ಮೇಲೆ ಒಬ್ಬರ ಹತ್ತಿರ ಎರಡಕ್ಕಿಂತ ಜಾಸ್ತಿ ಬಂದೂಕು ಇರುವ ಹಾಗಿಲ್ಲ, ಮೊದಲು ಮೂರು ಇತ್ತು. ಲೈಸೆನ್ಸ್ ಅವಧಿ ಮಾತ್ರ ಮೂರು ವರ್ಷದಿಂದ ಐದಕ್ಕೆ ಏರಿದೆ.

ಪ್ರಶ್ನೆ: ನನಗೆ 19 ವರ್ಷ. ಫೇಸ್‌ಬುಕ್‌ನಲ್ಲಿ ಒಬ್ಬರು "ಆಧಾರ್ ಫೋಟೊ ಕಳಿಸಿ, ಲೈಸೆನ್ಸ್ ಸಮೇತ ಪಿಸ್ತೂಲ್ ಮನೆಗೆ ಬರುತ್ತೆ" ಅಂತ ಹಾಕಿದ್ದಾರೆ. 5,000 ಅಡ್ವಾನ್ಸ್ ಕೇಳ್ತಿದ್ದಾರೆ. ನಿಜಾನಾ ಸಾರ್?
– ವಿದ್ಯಾರ್ಥಿ, ಚಿತ್ರದುರ್ಗ

ಉತ್ತರ: ಸುಳ್ಳು ತಮ್ಮಾ. ದುಡ್ಡೂ ಹೋಗುತ್ತದೆ, ಆಧಾರ್ ಫೋಟೊನೂ ಅವರ ಕೈಗೆ ಸಿಗುತ್ತದೆ. ಅಕಸ್ಮಾತ್ ನಿಜವಾಗಿ ಪಿಸ್ತೂಲ್ ಬಂದುಬಿಟ್ಟರೆ ಇನ್ನೂ ಕೆಟ್ಟದ್ದು, ನೇರ ಜೈಲು. ಕೊರಿಯರ್‌ನಲ್ಲಿ ಬರುವ ಲೈಸೆನ್ಸ್ ಅಂತ ಒಂದಿಲ್ಲ. ಲೈಸೆನ್ಸ್ ಇರುವ ಖಾಸಗಿ ವ್ಯಕ್ತಿ ತನ್ನ ಬಂದೂಕನ್ನು ಲೈಸೆನ್ಸ್ ಇರುವ ಇನ್ನೊಬ್ಬರಿಗೆ ಮಾರಬೇಕಾದರೂ ಡಿಸಿಗೋ ಸ್ಟೇಷನ್ನಿಗೋ ಬರೆದು ತಿಳಿಸಿ 45 ದಿನ ಕಾಯಬೇಕು. ಇವನು ನಾಳೆಯೇ ಕಳಿಸುತ್ತೇನೆ ಅನ್ನುತ್ತಿದ್ದಾನೆ! ಹಣ ಕಟ್ಟಿಬಿಟ್ಟಿದ್ದರೆ ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಈಗಲೇ ಫೋನ್ ಮಾಡು.

21 ತುಂಬುವ ತನಕ ನಿನಗೆ ಲೈಸೆನ್ಸ್ ಸಿಗುವುದೂ ಇಲ್ಲ. ಗುರಿ ಹೊಡೆಯುವ ಆಸೆ ಇದ್ದರೆ ಶೂಟಿಂಗ್ ಕ್ಲಬ್ ಸೇರು, ಅಲ್ಲಿ ತರಬೇತಿ ಹೊತ್ತಿನಲ್ಲಿ ಕೋಚ್ ಕಣ್ಣೆದುರು ಹೊಡೆಯಲು ಚಿಕ್ಕ ವಯಸ್ಸಿನವರಿಗೂ ಅವಕಾಶ ಇದೆ. ಪಾಯಿಂಟ್ 177 ಬೋರಿನ, ಹೊಡೆತದ ಶಕ್ತಿ 20 ಜೂಲ್ ಮೀರದ ಏರ್‌ಗನ್‌ಗೆ ಲೈಸೆನ್ಸ್ ಬೇಡ. ಆದರೆ ಅದನ್ನು ಹಿಡಿದು ಜೋಗಿಮಟ್ಟಿ ಕಡೆ ನವಿಲಿಗೆ ಗುರಿ ಇಟ್ಟರೆ ಅರಣ್ಯದವರು ಬಿಡಲ್ಲ.

ಪ್ರಶ್ನೆ: ನಾನು ಯಾವ ಪಕ್ಷದವನೂ ಅಲ್ಲ. ಆದರೂ ಪ್ರತಿ ಚುನಾವಣೆಗೂ ಬಂದೂಕು ಠಾಣೆಗೆ ಕೊಡಿ ಅಂತಾರೆ. ನಮ್ಮ ಮೇಲೆ ಅನುಮಾನಾನಾ?
– ತೋಟದ ಮಾಲೀಕ, ಹೊಸದುರ್ಗ

ಉತ್ತರ: ಅನುಮಾನ ಅಂತಲ್ಲ, ಊರಿಗೆಲ್ಲ ಒಂದೇ ಆದೇಶ. ಬ್ಯಾಂಕ್ ಕಾವಲಿನವರಿಗೆ ವಿನಾಯಿತಿ ಕೊಡುವುದುಂಟು. ತೋಟದ ಮನೆಯಲ್ಲಿ ಒಂಟಿಯಾಗಿದ್ದೇವೆ ಅಂತ ನೀವೂ ಯಾರಿಗೆ ವಿನಾಯಿತಿ ಅಂತ ನೋಡುವ ಜಿಲ್ಲಾ ಸ್ಕ್ರೀನಿಂಗ್ ಸಮಿತಿಗೆ ಅರ್ಜಿ ಕೊಟ್ಟು ನೋಡಬಹುದು. ಒಪ್ಪಿಸುವಾಗ ಬಂದೂಕಿನ ನಂಬರ್, ತೋಟಾ ಲೆಕ್ಕ ಬರೆದ ರಸೀದಿ ಕೇಳಿ ಪಡೆಯಿರಿ. ಚುನಾವಣೆ ಮುಗಿದ ಮೇಲೆ ಹೋಗಿ ತರುವುದನ್ನು ಮರೆಯಬೇಡಿ. ಮರೆತವರು ಬಹಳ ಜನ ಇದ್ದಾರೆ, ತುಕ್ಕು ಹಿಡಿದ ಮೇಲೆ ನಮ್ಮ ಹತ್ತಿರ ಬಂದು ಜಗಳ ಆಡುತ್ತಿದ್ದರು.

ಪ್ರಶ್ನೆ: ಕೊಡಗಿನವರಿಗೆ ಲೈಸೆನ್ಸೇ ಬೇಡವಂತೆ? ನಮಗ್ಯಾಕೆ ಇಷ್ಟೆಲ್ಲ?
– ಹರಿಹರದಿಂದ ಒಬ್ಬರು

ಉತ್ತರ: ಕೊಡವರಿಗೆ ಮತ್ತು ಜಮ್ಮಾ (ಅಲ್ಲಿನ ವಂಶಪಾರಂಪರ್ಯ ಜಮೀನು) ಹಿಡುವಳಿದಾರರಿಗೆ ಬ್ರಿಟಿಷರ ಕಾಲದಿಂದ ಬಂದ ವಿನಾಯಿತಿ ಅದು. ಕೇಂದ್ರ ಸರ್ಕಾರ 2019ರಲ್ಲಿ ಅದನ್ನು 2029ರವರೆಗೆ ಮುಂದುವರಿಸಿದೆ, ಹೈಕೋರ್ಟ್ 2021ರಲ್ಲಿ ಎತ್ತಿಹಿಡಿದಿದೆ. ಹರಿಹರಕ್ಕೆ ಬರುವುದಿಲ್ಲ.

ಪ್ರಶ್ನೆ: ಮಗಳ ಮದುವೆ. ನಮ್ಮ ಬೀಗರ ಹತ್ತಿರ ಲೈಸೆನ್ಸ್ ಇರುವ ಬಂದೂಕಿದೆ. ದಿಬ್ಬಣ ಬರುವಾಗ ಗಾಳಿಯಲ್ಲಿ ಎರಡು ಗುಂಡು ಹಾರಿಸೋದು ಅವರ ಮನೆ ಪದ್ಧತಿಯಂತೆ. ಲೈಸೆನ್ಸ್ ಇದ್ದ ಮೇಲೆ ಪರವಾಗಿಲ್ಲ ಅಲ್ವಾ?
– ತಾಯಿ, ಹಿರಿಯೂರು

ಉತ್ತರ: ಪರವಾಗಿಲ್ಲ ಅನ್ನುವ ಹಾಗಿಲ್ಲ ಅಮ್ಮಾ. 2019ರ ತಿದ್ದುಪಡಿಯಲ್ಲಿ ಇದಕ್ಕೇ ಅಂತ ಬೇರೆ ಶಿಕ್ಷೆ ಸೇರಿಸಿದ್ದಾರೆ. ಮದುವೆ, ಜಾತ್ರೆ ಎಲ್ಲೇ ಆಗಲಿ, ಸಂಭ್ರಮಕ್ಕೆ ಅಜಾಗರೂಕತೆಯಿಂದ ಗುಂಡು ಹಾರಿಸಿ ಬೇರೆಯವರ ಜೀವಕ್ಕೆ ಅಪಾಯ ತಂದರೆ 2 ವರ್ಷದವರೆಗೆ ಜೈಲು, ಇಲ್ಲವೇ 1 ಲಕ್ಷದವರೆಗೆ ದಂಡ, ಇಲ್ಲವೇ ಎರಡೂ. ಲೈಸೆನ್ಸ್ ರದ್ದಾಗುವುದು ಬೇರೆ. ಮೇಲಕ್ಕೆ ಹೋದ ಗುಂಡು ಕೆಳಗೆ ಬಂದೇ ಬರುತ್ತದೆ, ಚಪ್ಪರದ ಕೆಳಗೆ ಇರುವವರೆಲ್ಲ ನಿಮ್ಮವರೇ. ಬೀಗರಿಗೆ ನೀವೇ ಹೇಳುವುದು ಕಷ್ಟ ಆದರೆ ಈ ಪುಟ ಕತ್ತರಿಸಿ ಲಗ್ನಪತ್ರಿಕೆ ಜೊತೆ ಕಳಿಸಿ. ಮನೆ ತುಂಬ ನೆಂಟರಿರುವ ಆ ಒಂದು ವಾರ ಬಂದೂಕನ್ನು ಡೀಲರ್ ಹತ್ತಿರ ಬಾಡಿಗೆ ಕಟ್ಟಿ ಇಡಬಹುದು, ರಸೀದಿ ಕೊಡುತ್ತಾರೆ.