ಬಾವಿ ಒಬ್ಬರದು, ನೀರು ಯಾರದು? – ಅಂತರ್ಜಲದ ಕುರಿತ ಓದುಗರ ಪ್ರಶ್ನೆಗಳಿಗೆ ಉತ್ತರ

ಅಂತರ್ಜಲದ ಬಳಕೆ ಮತ್ತು ನಿಯಂತ್ರಣದ ಬಗ್ಗೆ ಬಂದ ಪತ್ರಗಳಲ್ಲಿ ಹೆಚ್ಚಿನವು ಕೆಲವೇ ಪ್ರಶ್ನೆಗಳನ್ನು ಬೇರೆ ಬೇರೆ ಮಾತುಗಳಲ್ಲಿ ಕೇಳಿವೆ. ಅವುಗಳನ್ನು ಒಟ್ಟುಗೂಡಿಸಿ ಇಲ್ಲಿ ಉತ್ತರಿಸಿದ್ದೇನೆ.

ಪ್ರಶ್ನೆ: ಸ್ವಂತ ಜಮೀನಿನಲ್ಲಿ, ಸ್ವಂತ ಹಣದಿಂದ ಕೊಳವೆಬಾವಿ ಕೊರೆಸಿದವರಿಗೆ ಅದರ ನೀರಿನ ಮೇಲೆ ಪೂರ್ತಿ ಹಕ್ಕು ಇರಬೇಕಲ್ಲವೇ? ಎಷ್ಟು ಎತ್ತಬೇಕೆಂದು ಬೇರೆಯವರು ಗೊತ್ತುಮಾಡುವುದು ನ್ಯಾಯವೇ?

ಉತ್ತರ: ಬಾವಿ ನಿಮ್ಮದು, ಪಂಪು ನಿಮ್ಮದು, ಆದರೆ ಆ ಪಂಪು ಎತ್ತುವ ನೀರೆಲ್ಲವೂ ನಿಮ್ಮ ಬೇಲಿಯೊಳಗಿನದಲ್ಲ. ಪಂಪು ಚಾಲೂ ಆದೊಡನೆ ಬಾವಿಯೊಳಗಿನ ಮಟ್ಟ ಇಳಿಯುತ್ತದೆ, ಸುತ್ತಲಿನ ಮರಳಿನಲ್ಲಿ ಅಥವಾ ಬಂಡೆಯ ಬಿರುಕುಗಳಲ್ಲಿ ನಿಂತಿದ್ದ ನೀರು ಆ ತಗ್ಗಿನತ್ತ ಹರಿದುಬರತೊಡಗುತ್ತದೆ. ಪಂಪು ಓಡುತ್ತಿರುವಷ್ಟು ಹೊತ್ತೂ ಬಾವಿಯ ಸುತ್ತ ನೀರಿನ ಮಟ್ಟವು ತಲೆಕೆಳಗಾದ ಶಂಕುವಿನ ಆಕಾರದಲ್ಲಿ ಕುಸಿಯುತ್ತ, ಆ ಶಂಕು ಅಗಲವಾಗುತ್ತ ಹೋಗುತ್ತದೆ. ಪಕ್ಕದವರ ಬಾವಿ ಅದರ ಅಂಚಿನೊಳಗೆ ಬಿದ್ದರೆ ಅಲ್ಲಿಯ ಮಟ್ಟವೂ ಇಳಿಯುತ್ತದೆ. ಆಗ ಅವರು ಇನ್ನಷ್ಟು ಆಳಕ್ಕೆ ಕೊರೆಸುತ್ತಾರೆ, ಅವರ ಹಿಂದೆಯೇ ನೀವೂ ಕೊರೆಸುತ್ತೀರಿ. ಈ ಪೈಪೋಟಿಯಲ್ಲಿ ಮೊದಲು ಸೋಲುವವರು ತೆರೆದ ಬಾವಿಯನ್ನೇ ನಂಬಿಕೊಂಡವರು, ಅಂದರೆ ಆಳಕ್ಕೆ ಇಳಿಯಲು ಹಣವಿಲ್ಲದವರು. ನ್ಯಾಯದ ಪ್ರಶ್ನೆಯನ್ನು ಅವರ ಕಡೆಯಿಂದಲೂ ಕೇಳಬೇಕೆಂಬುದು ನನ್ನ ಬಲವಾದ ಅಭಿಪ್ರಾಯ.

ನೆಲದ ಒಡೆಯನೇ ನೆಲದಡಿಯ ನೀರಿಗೂ ಒಡೆಯ ಎಂಬ ನಿಯಮ ನೆಲೆಗೊಂಡದ್ದು ಹೇಗೆಂಬುದನ್ನು ಗಮನಿಸಿ. 1843ರಲ್ಲಿ ಇಂಗ್ಲೆಂಡಿನ ನ್ಯಾಯಾಲಯದ ಮುಂದೆ ಒಂದು ಪ್ರಕರಣ ಬಂತು: ಕಲ್ಲಿದ್ದಲಿಗಾಗಿ ಒಬ್ಬರು ತಮ್ಮ ಜಾಗದಲ್ಲಿ ಗಣಿ ತೋಡಿದ್ದರಿಂದ ನೆರೆಯವರ ಹತ್ತಿ ಗಿರಣಿಗೆ ನೀರೊದಗಿಸುತ್ತಿದ್ದ ಬಾವಿ ಬತ್ತಿಹೋಗಿತ್ತು. ನೆಲದಡಿಯ ನೀರಿನ ಚಲನೆ ಕಣ್ಣಿಗೆ ಕಾಣದ್ದು, ಅದಕ್ಕೆ ನದಿಯ ನಿಯಮ ಹೊಂದದು ಎಂಬ ನೆಲೆಯಲ್ಲಿ ಬಾವಿ ಕಳೆದುಕೊಂಡವರಿಗೆ ಪರಿಹಾರ ಸಿಗಲಿಲ್ಲ. ಮರಳಿನ ಮೂಲಕ ನೀರು ಹರಿಯುವ ಬಗೆಯನ್ನು ಲೆಕ್ಕಕ್ಕೆ ತಂದ ಸೂತ್ರವನ್ನು ಫ್ರಾನ್ಸಿನ ಎಂಜಿನಿಯರ್ ಆನ್ರಿ ಡಾರ್ಸಿ ಪ್ರಕಟಿಸಿದ್ದು 1856ರಲ್ಲಿ, ಅಂದರೆ ತೀರ್ಪಿನ ನಂತರ. ಹೀಗೆ ವಿಜ್ಞಾನಕ್ಕಿಂತ ಮೊದಲೇ ಹುಟ್ಟಿದ ಆ ನಿಯಮವನ್ನು ಹಲವು ದೇಶಗಳ ಕಾನೂನುಗಳು ಅನುಸರಿಸಿದವು. ಕಾಣದ್ದನ್ನು ಅಳೆಯಲು ಬಾರದಿದ್ದ ಕಾಲದ ನಿಯಮವನ್ನು ಅಳೆಯಲು ಬಲ್ಲ ಕಾಲದಲ್ಲಿಯೂ ಹಾಗೆಯೇ ಉಳಿಸಿಕೊಳ್ಳಲು ಕಾರಣವಿಲ್ಲ.

ಪ್ರಶ್ನೆ: ಇಂಗುಗುಂಡಿ, ಚೆಕ್ ಡ್ಯಾಂಗಳ ಮೂಲಕ ಮಳೆನೀರನ್ನು ಭೂಮಿಗಿಳಿಸಿದರೆ ಸಾಕಲ್ಲವೇ? ಅದರ ಮೇಲೆ ಬಳಕೆಗೂ ಮಿತಿ ಏಕೆ?

ಉತ್ತರ: ನೀರಿಂಗಿಸುವುದು ಅತ್ಯಗತ್ಯವಾದ ಕೆಲಸ, ಆದರೆ ಅದು ಮಿತಿಯ ಜಾಗವನ್ನು ತುಂಬಲಾರದು. ನೀವು ಇಂಗಿಸುವ ನೀರು ಹೊಸದಾಗಿ ಹುಟ್ಟಿದ್ದಲ್ಲ. ಇಂಗಿಸದೆ ಬಿಟ್ಟಿದ್ದರೆ ಅದರಲ್ಲಿ ಒಂದು ಪಾಲು ಕೆಳಗಿನ ಕೆರೆಗೋ ಹೊಳೆಗೋ ಸೇರುತ್ತಿತ್ತು. ಬೇಸಿಗೆಯಲ್ಲಿ ಮಳೆಯಿಲ್ಲದೆಯೂ ಹೊಳೆ ಹರಿಯುತ್ತದೆಂದರೆ ಬಹುಮಟ್ಟಿಗೆ ಅದಕ್ಕೆ ಕಾರಣ ಅಂತರ್ಜಲದ ಒರತೆಯೇ. ಮೇಲಿನ ನೀರು, ಕೆಳಗಿನ ನೀರು ಎಂದು ಎರಡು ಕಚೇರಿಗಳು ಎರಡು ಕಡತಗಳಲ್ಲಿ ಬರೆದಿಟ್ಟುಕೊಂಡಿರಬಹುದು. ನೀರು ಮಾತ್ರ ಒಂದೇ.

ಎರಡನೆಯದಾಗಿ, ಕೆಲವು ಕಡೆ ಖಾಲಿಯಾದ ಜಾಗವೇ ಮತ್ತೆ ಸಿಗುವುದಿಲ್ಲ. ಜೇಡಿಮಣ್ಣಿನ ಪದರಗಳಿರುವಲ್ಲಿ ನೀರನ್ನು ವಿಪರೀತ ಎತ್ತಿದರೆ ಅದರೊಳಗಿನ ಒತ್ತಡ ಕಡಿಮೆಯಾಗಿ, ಮೇಲಿನ ಮಣ್ಣಿನ ಭಾರಕ್ಕೆ ಪದರವು ಅಮುಕಿಹೋಗುತ್ತದೆ, ನೆಲ ಕುಸಿಯುತ್ತದೆ. ಅಮೆರಿಕದ ಕ್ಯಾಲಿಫೋರ್ನಿಯಾದ ಸ್ಯಾನ್ ವಾಕೀನ್ ಕಣಿವೆಯ ಒಂದು ಕಡೆ 1925ರಿಂದ 1977ರ ನಡುವೆ ನೆಲ ಸುಮಾರು 9 ಮೀಟರ್ ಇಳಿದಿದೆ. ಹಾಗೆ ಒತ್ತಿ ಮುಚ್ಚಿಹೋದ ಸಂದುಗಳು ಆಮೇಲೆ ಎಷ್ಟೇ ನೀರಿಂಗಿಸಿದರೂ ಮೊದಲಿನಂತೆ ತೆರೆದುಕೊಳ್ಳುವುದಿಲ್ಲ. ಇನ್ನು ಸಾವಿರಾರು ವರ್ಷಗಳ ಹಿಂದೆ ಇಂಗಿದ ಪ್ರಾಚೀನ ನೀರಿನ ಪದರಗಳಿಗೆ ಈಗಿನ ಮಳೆ ಹೆಚ್ಚೇನನ್ನೂ ಸೇರಿಸದು. ಸೌದಿ ಅರೇಬಿಯಾ ಅಂಥ ನೀರನ್ನೆತ್ತಿ ಮರುಭೂಮಿಯಲ್ಲಿ ಗೋಧಿ ಬೆಳೆಯಿತು. ಕೊನೆಗೆ ನೀರಿನ ಭಂಡಾರ ಕರಗುವುದನ್ನು ಕಂಡು 2008ರಲ್ಲಿ, ದೇಶದೊಳಗಿನ ಗೋಧಿ ಖರೀದಿಯನ್ನು 2016ರ ಹೊತ್ತಿಗೆ ಹಂತಹಂತವಾಗಿ ನಿಲ್ಲಿಸಲು ತೀರ್ಮಾನಿಸಿತು.

ನೀರಿಂಗಿಸುವಿಕೆ ಚೆನ್ನಾಗಿ ಫಲಿಸಿದ ಕಡೆಗಳಲ್ಲಿ ಅದರ ಜೊತೆಗೆ ಒಪ್ಪಂದವೂ ಇರುತ್ತದೆ. ಸ್ವಿಟ್ಜರ್ಲೆಂಡ್ ಮತ್ತು ಫ್ರಾನ್ಸ್ ಎರಡರ ಅಡಿಯಲ್ಲೂ ಹಬ್ಬಿರುವ ಜಿನೀವಾ ಜಲಪದರ 1960 ಮತ್ತು 70ರ ದಶಕಗಳಲ್ಲಿ ಮಿತಿಮೀರಿದ ಬಳಕೆಯಿಂದ ಕುಸಿದಿತ್ತು. ಆರ್ವ್ ನದಿಯ ನೀರನ್ನು ಶುದ್ಧೀಕರಿಸಿ ನೆಲಕ್ಕಿಳಿಸುವ ಏರ್ಪಾಡನ್ನು ಅಲ್ಲಿ ಮಾಡಲಾಯಿತು. ನದಿ ರಾಡಿಯಾದಾಗ ಆ ನೀರನ್ನು ತೆಗೆದುಕೊಳ್ಳುವುದೇ ಇಲ್ಲ. ಅದಕ್ಕೂ ಮಿಗಿಲಾಗಿ, ಯಾವ ಕಡೆಯವರು ಎಷ್ಟು ಎತ್ತಬಹುದು, ಇಂಗಿಸುವ ಖರ್ಚಿನಲ್ಲಿ ಯಾರ ಪಾಲು ಎಷ್ಟು ಎಂಬುದನ್ನು 1978ರ ಒಪ್ಪಂದದಲ್ಲಿ ಬರೆದು ಸಹಿ ಹಾಕಲಾಯಿತು. ಕೊಳೆನೀರನ್ನೋ ರಸ್ತೆಯ ತೊಳೆನೀರನ್ನೋ ನೇರವಾಗಿ ಕೊಳವೆಬಾವಿಗೆ ಇಳಿಸುವವರು ಆ ರಾಡಿ ನೀರಿನ ನಿಯಮವನ್ನು ದಯವಿಟ್ಟು ನೆನಪಿಡಬೇಕು. ಒಮ್ಮೆ ಕೆಟ್ಟ ಜಲಪದರವನ್ನು ಶುದ್ಧಗೊಳಿಸಲು ಹಲವು ದಶಕಗಳೇ ಬೇಕಾದೀತು.

ಪ್ರಶ್ನೆ: ಎಲ್ಲರೂ ಹನಿ ನೀರಾವರಿಗೆ ಬದಲಾದರೆ ಅಂತರ್ಜಲ ತಾನಾಗಿಯೇ ಉಳಿಯುವುದಿಲ್ಲವೇ?

ಉತ್ತರ: ತಾನಾಗಿ ಉಳಿಯುವುದಿಲ್ಲ. ಹೊಲಕ್ಕೆ ಹಾಯಿಸಿದ ನೀರಿನಲ್ಲಿ ಬೆಳೆ ಹೀರಿಕೊಂಡು ಆವಿಯಾಗಿಸುವ ಪಾಲು ಬೇರೆ, ಮಣ್ಣಿನೊಳಗೆ ಇಳಿದು ಮತ್ತೆ ಅಂತರ್ಜಲ ಸೇರುವ ಪಾಲು ಬೇರೆ. ಹನಿ ನೀರಾವರಿ ಹೆಚ್ಚಾಗಿ ಉಳಿಸುವುದು ಈ ಎರಡನೆಯ ಪಾಲನ್ನು. ಹಾಗೆ ಉಳಿಯಿತೆಂದು ಕಂಡ ನೀರಿನಲ್ಲಿ ಇನ್ನೊಂದು ಎಕರೆಗೆ ಬೆಳೆ ಹಾಕಿದರೆ, ಇಲ್ಲವೇ ಹೆಚ್ಚು ನೀರು ಬೇಡುವ ಬೆಳೆಗೆ ಹೋದರೆ, ಆವಿಯಾಗಿ ಹೋಗುವ ಒಟ್ಟು ನೀರು ಹೆಚ್ಚುತ್ತದೆ, ಜಲಪದರ ಮೊದಲಿಗಿಂತ ಬೇಗ ಬತ್ತುತ್ತದೆ. ವಿದ್ಯುತ್ತು, ಗೊಬ್ಬರ, ಕೂಲಿಯ ಉಳಿತಾಯಕ್ಕಾಗಿ ಹನಿ ನೀರಾವರಿ ಖಂಡಿತ ಬೇಕು. ಅಂತರ್ಜಲ ಉಳಿಯಬೇಕಾದರೆ ಮಾತ್ರ ಒಟ್ಟು ಎತ್ತುವಿಕೆಗೂ ಬಿತ್ತನೆಯ ವಿಸ್ತಾರಕ್ಕೂ ಮಿತಿ ಇರಲೇಬೇಕು.

ಪ್ರಶ್ನೆ: ಮಿತಿಯನ್ನು ಹಾಕಬೇಕಾದವರು ಯಾರು? ಸರ್ಕಾರ ಹಾಕಿದರೆ ಯಾರೂ ಪಾಲಿಸುವುದಿಲ್ಲ, ಜನರಿಗೇ ಬಿಟ್ಟರೆ ಒಮ್ಮತ ಆಗುವುದಿಲ್ಲ.

ಉತ್ತರ: ಈ ನಿರಾಶೆ ಅರ್ಥವಾಗುವಂಥದ್ದು, ಆದರೆ ಅನುಭವ ಅಷ್ಟು ಕತ್ತಲೆಯದಲ್ಲ. ಅಮೆರಿಕದ ವಿದ್ವಾಂಸೆ ಎಲಿನಾರ್ ಆಸ್ಟ್ರಮ್ 1965ರಲ್ಲಿ ಪೂರ್ಣಗೊಳಿಸಿದ ಪಿಎಚ್.ಡಿ. ಪ್ರಬಂಧದ ವಿಷಯವೇ ಇದು. ಲಾಸ್ ಏಂಜಲೀಸ್ ಸಮೀಪದ ಕರಾವಳಿಯಲ್ಲಿ ಎಲ್ಲರೂ ಪೈಪೋಟಿಯಿಂದ ನೀರೆತ್ತಿದ್ದರಿಂದ ಸಮುದ್ರದ ಉಪ್ಪುನೀರು ಜಲಪದರದೊಳಕ್ಕೆ ನುಗ್ಗತೊಡಗಿತ್ತು. ಅಲ್ಲಿಯ ಬಳಕೆದಾರರು ಸಂಘ ಕಟ್ಟಿಕೊಂಡು, ನ್ಯಾಯಾಲಯದ ನೆರವಿನಿಂದ ತಮ್ಮ ತಮ್ಮ ಪಾಲನ್ನು ಕಡಿತಗೊಳಿಸಲು ಒಪ್ಪಿಕೊಂಡರು; ಕರಾವಳಿಯುದ್ದಕ್ಕೂ ಬಾವಿಗಳ ಮೂಲಕ ಸಿಹಿನೀರನ್ನು ಒಳಕ್ಕೆ ತಳ್ಳಿ ಉಪ್ಪುನೀರಿಗೆ ತಡೆ ಒಡ್ಡಲಾಯಿತು. ಸಾಮೂಹಿಕ ಸಂಪನ್ಮೂಲಗಳನ್ನು ಜನ ತಾವೇ ನಿರ್ವಹಿಸಿಕೊಳ್ಳುವ ಬಗೆಯನ್ನು ಮುಂದೆ ಜೀವನಪೂರ್ತಿ ಅಧ್ಯಯನ ಮಾಡಿದ ಆಸ್ಟ್ರಮ್ ಅವರಿಗೆ 2009ರಲ್ಲಿ ಅರ್ಥಶಾಸ್ತ್ರದ ನೊಬೆಲ್ ಪ್ರಶಸ್ತಿ ಬಂತು.

ಇನ್ನೂ ಹತ್ತಿರದ ಕಾಲದ ಉದಾಹರಣೆ ಬೇಕೆಂದರೆ ಅಮೆರಿಕದ ಕ್ಯಾನ್ಸಸ್ ರಾಜ್ಯದ್ದು. ಒಗಲ್ಲಾಲ ಜಲಪದರ ವರ್ಷದಿಂದ ವರ್ಷಕ್ಕೆ ಇಳಿಯುತ್ತಿದ್ದುದನ್ನು ಕಂಡ ಶೆರಿಡನ್ ಕೌಂಟಿ ಪ್ರದೇಶದ ರೈತರು ತಾವೇ ಮುಂದೆ ಬಂದು, 2013ರಿಂದ ಬಳಕೆಯನ್ನು ಸುಮಾರು ಶೇ. 20ರಷ್ಟು ತಗ್ಗಿಸುವ ನಿಯಮವನ್ನು ರೂಪಿಸಿಕೊಂಡರು. ಅದರಲ್ಲಿ ನನಗೆ ಬಹಳ ಮೆಚ್ಚುಗೆಯಾದ ಅಂಶವೊಂದಿದೆ. ಮಿತಿಯನ್ನು ಅವರು ವರ್ಷಕ್ಕೆ ಇಷ್ಟೆಂದು ಕಟ್ಟಲಿಲ್ಲ, ಐದು ವರ್ಷಗಳಿಗೆ ಒಟ್ಟು 55 ಇಂಚು ನೀರು, ಅಂದರೆ ನೀರುಣಿಸುವ ಹೊಲದ ಮೇಲೆ ಅಷ್ಟು ಎತ್ತರ ನಿಲ್ಲುವಷ್ಟು ನೀರು, ಎಂದು ಗೊತ್ತುಮಾಡಿದರು. ಮಳೆ ಚೆನ್ನಾಗಿ ಬಂದ ವರ್ಷ ಕಡಿಮೆ ಎತ್ತಿ, ಉಳಿಸಿದ್ದನ್ನು ಬರಗಾಲದ ವರ್ಷಕ್ಕೆ ಬಳಸಿಕೊಳ್ಳಲು ಇದರಿಂದ ಅವಕಾಶವಾಯಿತು. ಆದಾಯಕ್ಕೆ ದೊಡ್ಡ ಪೆಟ್ಟು ಬೀಳದೆಯೇ ಬಳಕೆ ತಗ್ಗಿತು. ಹೊಲದ ಕಷ್ಟ ಬಲ್ಲವರು ಕುಳಿತು ಬರೆದ ನಿಯಮಕ್ಕೆ ಈ ಹದ ತಾನಾಗಿ ಬರುತ್ತದೆ.

ಆದರೂ ಜನರ ಒಪ್ಪಂದವೊಂದೇ ಸಾಲದು. ಶೆರಿಡನ್ ರೈತರ ನಿಯಮಕ್ಕೆ ರಾಜ್ಯದ ಕಾನೂನಿನ ಬಲವಿತ್ತು, ಅವರ ಬಾವಿಗಳಿಗೆ ಮೀಟರುಗಳಿದ್ದವು. ಕ್ಯಾಲಿಫೋರ್ನಿಯಾ 2014ರಲ್ಲಿ ತಂದ ಕಾನೂನು ಯೋಜನೆ ಮಾಡುವ ಹೊಣೆಯನ್ನು ಸ್ಥಳೀಯ ಸಂಸ್ಥೆಗಳಿಗೆ ಕೊಟ್ಟು, ಅವು ವಿಫಲವಾದರೆ ರಾಜ್ಯವೇ ಕೈಹಾಕುವ ಅಧಿಕಾರವನ್ನು ಉಳಿಸಿಕೊಂಡಿತು. ಆ ಹಂಚಿಕೆ ಸರಿಯಾದದ್ದು. ಆದರೆ ಸುಸ್ಥಿತಿಗೆ ಬರಲು ಅದು ಕೊಟ್ಟ ಇಪ್ಪತ್ತು ವರ್ಷಗಳ ಅವಧಿ ತೀರ ದೀರ್ಘವಾಯಿತೆಂದು ನನ್ನ ಅನಿಸಿಕೆ, ಏಕೆಂದರೆ ಆ ಅವಧಿಯೊಳಗೇ ಬರ ಬಂದು ಎಷ್ಟೋ ಮನೆಗಳ ಕುಡಿಯುವ ನೀರಿನ ಬಾವಿಗಳು ಬತ್ತಿದವು. ಯಾವ ನಿಯಮವೇ ಆಗಲಿ, ಕುಡಿಯುವ ನೀರಿನ ಪಾಲನ್ನು ಮೊದಲು ತೆಗೆದಿಟ್ಟು ಆಮೇಲೆ ಉಳಿದವರ ಪಾಲನ್ನು ಮಾತನಾಡಬೇಕು.

ಪ್ರಶ್ನೆ: ನಮ್ಮ ಬಾವಿಯ ಮಟ್ಟವನ್ನು ನಾವೇ ಅಳೆದುಕೊಳ್ಳಬಹುದೇ? ಉಪಗ್ರಹಗಳೇ ಅಳೆಯುತ್ತವೆ ಎಂದು ಓದಿದ್ದೇನೆ.

ಉತ್ತರ: 2002ರಲ್ಲಿ ಹಾರಿಬಿಟ್ಟ ಗ್ರೇಸ್ ಎಂಬ ಜೋಡಿ ಉಪಗ್ರಹಗಳು ಭೂಮಿಯ ಗುರುತ್ವದಲ್ಲಾಗುವ ಸೂಕ್ಷ್ಮ ಬದಲಾವಣೆಯಿಂದ ಅಂತರ್ಜಲದ ಇಳಿಕೆಯನ್ನು ಅಂದಾಜು ಮಾಡಲು ನೆರವಾದವು, ಆದರೆ ಅವು ಕಾಣುವುದು ವಿಶಾಲ ಪ್ರದೇಶಗಳನ್ನು, ಒಂದು ಊರಿನ ಬಾವಿಯನ್ನಲ್ಲ. ನಿಮ್ಮ ಬಾವಿಯನ್ನು ನೀವೇ ಅಳೆಯಬೇಕು. ಪಂಪು ನಿಲ್ಲಿಸಿ ಕೆಲವು ಗಂಟೆ ಬಿಡಿ, ಇಲ್ಲದಿದ್ದರೆ ಎತ್ತುವಿಕೆಯಿಂದ ಕುಸಿದ ಮಟ್ಟವನ್ನು ಅಳೆದಂತಾಗುತ್ತದೆ. ಉಕ್ಕಿನ ಟೇಪಿನ ತುದಿಯ ಕೆಲವು ಅಡಿಗಳಿಗೆ ಸೀಮೆಸುಣ್ಣ ಬಳಿದು ಒಳಕ್ಕೆ ಇಳಿಬಿಡಿ. ಕೇಸಿಂಗ್ ಪೈಪಿನ ಬಾಯಲ್ಲಿ ಬಣ್ಣದಿಂದ ಗುರುತು ಹಾಕಿದ ಜಾಗಕ್ಕೆ ಟೇಪಿನ ಯಾವ ಅಂಕಿ ಬಂತೆಂದು ಬರೆದುಕೊಂಡು ಮೇಲಕ್ಕೆಳೆಯಿರಿ. ಸುಣ್ಣ ಒದ್ದೆಯಾಗಿ ಬಣ್ಣ ಬದಲಾದಷ್ಟು ಉದ್ದವನ್ನು ಆ ಅಂಕಿಯಿಂದ ಕಳೆದರೆ ಗುರುತಿನಿಂದ ನೀರಿನ ಮಟ್ಟ ಎಷ್ಟು ಆಳದಲ್ಲಿದೆ ಎಂಬುದು ಸಿಗುತ್ತದೆ. ಪ್ರತಿ ತಿಂಗಳು ಒಂದೇ ದಿನ, ಅದೇ ಗುರುತಿನಿಂದ ಅಳೆಯಿರಿ. ಒಂದು ಒಳ್ಳೆಯ ಮಳೆಯ ನಂತರ ಏರಿದ ಮಟ್ಟವನ್ನಲ್ಲ, ಹಿಂದಿನ ವರ್ಷಗಳ ಅದೇ ತಿಂಗಳ ಮಟ್ಟವನ್ನು ಹೋಲಿಸಿ ನೋಡಿ. ಸುತ್ತಲಿನ ಹತ್ತಾರು ಬಾವಿಯವರು ಹೀಗೆ ಬರೆದಿಟ್ಟ ಅಂಕಿಗಳನ್ನು ಒಂದೇ ಪುಸ್ತಕಕ್ಕೆ ಸೇರಿಸಿಕೊಂಡರೆ, ಮುಂದಿನ ಹಂಗಾಮಿಗೆ ಯಾವ ಬೆಳೆ, ಎಷ್ಟು ಎಕರೆ ಎಂದು ಒಟ್ಟಿಗೆ ಕುಳಿತು ನಿರ್ಧರಿಸಲು ಬೇಕಾದ ಮೊದಲ ಆಧಾರ ನಿಮ್ಮ ಕೈಯಲ್ಲಿರುತ್ತದೆ.