ಕುಡಿಯದೆ ಬಿಡುವ ಐದನೇ ಬಟ್ಟಲು

ಓದುಗರ ಪ್ರಶ್ನೆಗೆ ತಜ್ಞರ ಉತ್ತರ

ಯೆಹೂದಿಗಳ ಇತಿಹಾಸ, ಐಗುಪ್ತದ ಗುಲಾಮಗಿರಿಯಿಂದ ಅವರು ಬಿಡುಗಡೆಯಾದ ನೆನಪಿನ ಹಬ್ಬವಾದ ಪಸ್ಕ, ತಾಯ್ನಾಡಿನ ಹಂಬಲ ಇವುಗಳ ಬಗ್ಗೆ ಬಂದ ಪ್ರಶ್ನೆಗಳಲ್ಲಿ ಆರನ್ನು ಇಲ್ಲಿ ಆಯ್ದುಕೊಂಡಿದ್ದೇವೆ. ಮೋಶೆ, ಐಗುಪ್ತ, ಎಲೀಯ ಮುಂತಾದ ಹೆಸರುಗಳನ್ನು ಕನ್ನಡ ಬೈಬಲಿನಲ್ಲಿ ಇರುವಂತೆಯೇ ಬಳಸಿದ್ದೇವೆ. ಐಗುಪ್ತ ಎಂದರೆ ಈಜಿಪ್ಟ್.

ಪ್ರಶ್ನೆ: ಪಸ್ಕ ಹಬ್ಬ ಒಂದು ವರ್ಷ ಮಾರ್ಚಿನಲ್ಲಿ, ಇನ್ನೊಂದು ವರ್ಷ ಏಪ್ರಿಲ್ ಕೊನೆಯಲ್ಲಿ ಬರುತ್ತದೆ. ಅವರಿಗೂ ನಮ್ಮ ಹಾಗೆ ಪಂಚಾಂಗ ಇದೆಯೇ?

ಇದೆ, ನಮ್ಮದರಂತೆ ಅದೂ ಚಂದ್ರನನ್ನು ಹಿಡಿದು ಸೂರ್ಯನಿಗೆ ಹೊಂದಿಸಿಕೊಳ್ಳುವ ಪಂಚಾಂಗವೇ. ಹನ್ನೆರಡು ಚಾಂದ್ರ ಮಾಸಗಳಿಗೆ ಸುಮಾರು 354 ದಿನ. ಸೌರ ವರ್ಷಕ್ಕೆ ಹನ್ನೊಂದು ದಿನ ಕಡಿಮೆ ಬೀಳುತ್ತದೆ. ಅದನ್ನು ಸರಿದೂಗಿಸಲು 19 ವರ್ಷಗಳ ಚಕ್ರದಲ್ಲಿ 3, 6, 8, 11, 14, 17 ಮತ್ತು 19ನೇ ವರ್ಷಗಳಿಗೆ ಒಂದೊಂದು ಅಧಿಕ ಮಾಸ ಸೇರಿಸುತ್ತಾರೆ. ಸಂಕ್ರಾಂತಿ ಬೀಳದ ತಿಂಗಳು ನಮ್ಮಲ್ಲಿ ಅಧಿಕವಾಗುವುದರಿಂದ 2023ರಲ್ಲಿ ಶ್ರಾವಣ, 2026ರಲ್ಲಿ ಜ್ಯೇಷ್ಠ ಎಂದು ಅದರ ಜಾಗ ಬದಲಾಗುತ್ತದೆ. ಅವರಲ್ಲಿ ಜಾಗ ಒಂದೇ: ಅದಾರ್ ತಿಂಗಳು, ಅಂದರೆ ಪಸ್ಕ ಬರುವ ನಿಸಾನ್ ತಿಂಗಳಿಗೆ ಸ್ವಲ್ಪ ಮೊದಲು. ಕಾರಣ ಸ್ಪಷ್ಟ. ಪಸ್ಕ ವಸಂತದಲ್ಲೇ ಬರಬೇಕು ಎಂಬುದು ಆ ಬಿಡುಗಡೆಯ ಮುಂದಾಳು ಮೋಶೆಯ ಧರ್ಮಶಾಸ್ತ್ರದ ಕಟ್ಟಳೆ, ಆ ವಸಂತವೂ ಇಸ್ರೇಲ್ ನಾಡಿನದು, ಅಲ್ಲಿ ಜವೆಗೋದಿ ತೆನೆಗಟ್ಟುವ ಕಾಲ.

ನಿಸಾನ್ 15 ಹುಣ್ಣಿಮೆಯ ಆಸುಪಾಸು. ಹಾಗಾಗಿ ಹೆಚ್ಚಿನ ವರ್ಷಗಳಲ್ಲಿ ಅದು ನಮ್ಮ ಚೈತ್ರ ಹುಣ್ಣಿಮೆಗೆ ಅಂಟಿಕೊಂಡೇ ಬರುತ್ತದೆ. 2025ರಲ್ಲಿ ಎರಡೂ ಏಪ್ರಿಲ್ 12ಕ್ಕೆ ಬಂದವು. ಎಲ್ಲ ವರ್ಷವೂ ಹೀಗಿರುವುದಿಲ್ಲ. 2013ರಲ್ಲಿ ಪಸ್ಕ ಮಾರ್ಚ್ 25ರ ಸಂಜೆಗೇ ಶುರುವಾಯಿತು, ನಮ್ಮಲ್ಲಿ ಆಗ ಹೋಳಿ. ದಿನಾಂಕ ಗುರುತು ಹಾಕಿಕೊಳ್ಳುವವರು ಸಾಮಾನ್ಯವಾಗಿ ಎಡವುವುದು ಒಂದು ಕಡೆ: ಅವರ ದಿನ ಸೂರ್ಯ ಮುಳುಗಿದಾಗ ಶುರುವಾಗುತ್ತದೆ. ಕ್ಯಾಲೆಂಡರಿನಲ್ಲಿ ಭಾನುವಾರ ಎಂದಿದ್ದರೆ ಹಬ್ಬದ ಊಟ ಶನಿವಾರ ರಾತ್ರಿ.

ಇನ್ನೊಂದು ಸಂಗತಿಯೂ ಇದೆ. ಇಸ್ರೇಲಿನಲ್ಲಿ ಹಬ್ಬ ಏಳು ದಿನ, ವಿಧಿಯ ಊಟ ಒಂದು ರಾತ್ರಿ. ಹೊರನಾಡಿನಲ್ಲಿ ಎಂಟು ದಿನ, ಎರಡು ರಾತ್ರಿ. ಹಿಂದೆ ಜೆರುಸಲೇಮಿನಲ್ಲಿ ಸಾಕ್ಷಿಗಳು ಬಾಲಚಂದ್ರನನ್ನು ಕಂಡು ಹೇಳಿದ ಮೇಲೆ ತಿಂಗಳು ಸಾರುತ್ತಿದ್ದರು. ಮೊದಲು ಬೆಟ್ಟದಿಂದ ಬೆಟ್ಟಕ್ಕೆ ಬೆಂಕಿ ಹಚ್ಚಿ ಸುದ್ದಿ ದಾಟಿಸುತ್ತಿದ್ದರು. ಎದುರಾಳಿಗಳು ಸುಳ್ಳು ಬೆಂಕಿ ಹಚ್ಚತೊಡಗಿದಾಗ ಓಲೆಕಾರರನ್ನು ಕಳಿಸಿದರು. ಅವರು ಹಬ್ಬದೊಳಗೆ ದೂರದ ಊರುಗಳನ್ನು ಮುಟ್ಟದೆ ಇದ್ದಾಗ, ಅನುಮಾನಕ್ಕೆ ಎಡೆಯಿರಬಾರದೆಂದು ಅಲ್ಲಿನವರು ಎರಡು ದಿನ ಆಚರಿಸಿದರು. ಈಗ ಲೆಕ್ಕ ಗಟ್ಟಿಯಾಗಿದೆ, ಅನುಮಾನವಿಲ್ಲ. ಆದರೂ ಆ ಎರಡನೇ ದಿನವನ್ನು ಹೊರನಾಡು ಬಿಟ್ಟಿಲ್ಲ. ತಾನು ನಾಡಿನಿಂದ ಎಷ್ಟು ದೂರದಲ್ಲಿದ್ದೇನೆ ಎಂಬುದನ್ನು ಒಂದು ಜನಾಂಗ ದಿನಗಳಲ್ಲಿ ಅಳೆದು ಇಟ್ಟುಕೊಂಡಿರುವ ಪರಿ ಇದು.

ಪ್ರಶ್ನೆ: ಪಸ್ಕದಲ್ಲಿ ತಿನ್ನುವ ಹುಳಿಯಿಲ್ಲದ ರೊಟ್ಟಿ ಎಂದರೆ ನಮ್ಮ ಚಪಾತಿಯೇ ತಾನೆ? ಯೆಹೂದಿ ಸ್ನೇಹಿತರಿಗೆ ಮನೆಯಲ್ಲೇ ಮಾಡಿ ಕೊಡಬಹುದೇ?

ಚಪಾತಿಯ ಕಣಕಕ್ಕೆ ನಾವು ಮಾಡುವುದೆಲ್ಲ ಇಲ್ಲಿ ತಪ್ಪಾಗುತ್ತದೆ. ಮಟ್ಸಾ ಎನ್ನುವ ಈ ರೊಟ್ಟಿಗೆ ಹಿಟ್ಟು ಮತ್ತು ನೀರು ಬಿಟ್ಟರೆ ಉಪ್ಪಿಲ್ಲ, ಎಣ್ಣೆಯಿಲ್ಲ. ತೂಕದಲ್ಲಿ ಎರಡು ಪಾಲು ಹಿಟ್ಟಿಗೆ ಸುಮಾರು ಒಂದು ಪಾಲು ನೀರು. ನೀರು ಹಿಟ್ಟಿಗೆ ತಾಗಿದ ಮೇಲೆ ಕೆಲಸ ನಿಲ್ಲಿಸಿ 18 ನಿಮಿಷ ಬಿಟ್ಟರೆ ಕಣಕ ಹುಳಿಯಾಯಿತು ಎಂದು ಲೆಕ್ಕ. ಯೆಹೂದಿ ಧರ್ಮಚರ್ಚೆಗಳ ಹಳೆಯ ಗ್ರಂಥವಾದ ತಾಲ್ಮೂದ್ ಇದನ್ನು ಒಂದು 'ಮಿಲ್' ದೂರ, ಸುಮಾರು ಒಂದು ಕಿಲೋಮೀಟರ್, ನಡೆಯುವ ಹೊತ್ತು ಎಂದು ಹೇಳುತ್ತದೆ. ಕಟ್ಟುನಿಟ್ಟಿನ ಭಟ್ಟಿಗಳಲ್ಲಿ ನೀರು ಹಾಕಿದಾಗಿನಿಂದ ಬೇಯಿಸಿ ತೆಗೆಯುವವರೆಗಿನ ಎಲ್ಲವನ್ನೂ ಆ 18 ನಿಮಿಷದಲ್ಲೇ ಮುಗಿಸುತ್ತಾರೆ. ಆದ್ದರಿಂದ ಕಣಕವನ್ನು ಒದ್ದೆ ಬಟ್ಟೆ ಮುಚ್ಚಿ ನೆನೆಯಲು ಇಡುವ ಮಾತೇ ಇಲ್ಲ. ನಾದುವ ಕೈ ನಿಲ್ಲಬಾರದು.

ನೀರನ್ನು ಹಿಂದಿನ ಸಂಜೆ ಸೇದಿ ರಾತ್ರಿಯಿಡೀ ತಂಪಾದ ಕಡೆ ಇಟ್ಟಿರಬೇಕು, ಬೆಚ್ಚಗಿನ ನೀರು ಹುದುಗನ್ನು ಬೇಗ ಎಬ್ಬಿಸುತ್ತದೆ. ಹಿಟ್ಟಿನ ಕೋಣೆ ಬೇರೆ, ನೀರಿನ ಕೋಣೆ ಬೇರೆ. ಗಾಳಿಯಲ್ಲಿ ಹಾರಿದ ಹಿಟ್ಟು ನೀರಿಗೆ ಬಿದ್ದರೂ ಗಡಿಯಾರ ಓಡತೊಡಗುತ್ತದೆ. ತೆಳ್ಳಗೆ ಲಟ್ಟಿಸಿ, ಮುಳ್ಳಿನ ಉರುಳೆಯಿಂದ ಮೈತುಂಬ ತೂತು ಹಾಕಿ, ಚೆನ್ನಾಗಿ ಕಾದ ಒಲೆಗೆ ಹಾಕಿದರೆ ಒಂದು ನಿಮಿಷದ ಆಸುಪಾಸಿನಲ್ಲಿ ಬೇಯುತ್ತದೆ. ತೂತು ಹಾಕುವುದು ರೊಟ್ಟಿ ಉಬ್ಬದಿರಲಿ ಎಂದು. ಚಪಾತಿ ಪೂರಿಯಂತೆ ಉಬ್ಬಿದರೆ ನಮಗೆ ಹೆಮ್ಮೆ, ಇಲ್ಲಿ ಹಾಗೆ ಉಬ್ಬಿದ ಭಾಗವನ್ನು ತೆಗೆದಿಡಬೇಕು. ಅಂಚು ಮಡಚಿಕೊಂಡಿದ್ದರೆ ಮಡಿಕೆಯೊಳಗೆ ಬೆಂದಿರುವುದಿಲ್ಲ, ಅದೂ ನಿಷಿದ್ಧ.

ಎಲ್ಲಕ್ಕಿಂತ ದೊಡ್ಡ ತೊಡಕು ಹಿಟ್ಟಿನದು. ಗಿರಣಿಗೆ ಹಾಕುವ ಮೊದಲು ಗೋದಿಯನ್ನು ತೊಳೆದಿದ್ದರೆ ಅಥವಾ ನೀರು ಚಿಮುಕಿಸಿ ಹದ ಮಾಡಿದ್ದರೆ ಆ ಹಿಟ್ಟು ಆಗಲೇ ಕೆಟ್ಟಿತು. ಮೊದಲ ರಾತ್ರಿಯ ಊಟಕ್ಕೆ ಹಲವರು ಕೊಯ್ಲಿನಿಂದಲೇ ನೀರು ತಾಗದಂತೆ ಕಾವಲಿಟ್ಟ ಗೋದಿಯನ್ನು ಬಳಸುತ್ತಾರೆ. ಆದ್ದರಿಂದ ಮನೆಯಲ್ಲಿ ಮಾಡಿ ಕೊಡಬೇಡಿ. ಅವರು ನಯವಾಗಿ ತೆಗೆದುಕೊಂಡು ತಿನ್ನಲಾಗದೆ ಇಟ್ಟುಬಿಡಬೇಕಾಗುತ್ತದೆ. ತೊಳೆದ ಹಣ್ಣು ಕೊಡುವುದು ಎಲ್ಲಕ್ಕಿಂತ ಕ್ಷೇಮ. ಅನ್ನದ ವಿಷಯ ಕೇಳಿಕೊಳ್ಳಿ: ಪೂರ್ವ ಯುರೋಪಿನ ಮೂಲದವರು ಹಬ್ಬದ ದಿನಗಳಲ್ಲಿ ಅಕ್ಕಿ, ಬೇಳೆ ಮುಟ್ಟುವುದಿಲ್ಲ, ಭಾರತದ ಯೆಹೂದಿಗಳು ಅಕ್ಕಿ ಉಣ್ಣುತ್ತಾರೆ.

ಪ್ರಶ್ನೆ: ಪಸ್ಕದ ರಾತ್ರಿ ಕಹಿಯನ್ನು ಸಿಹಿಯಲ್ಲಿ ಅದ್ದಿ ತಿನ್ನುತ್ತಾರಂತೆ. ನಮ್ಮ ಬೇವು-ಬೆಲ್ಲದ ಅರ್ಥವೇ? ನಾಲ್ಕು ಬಟ್ಟಲು ಕುಡಿದು ಐದನೆಯದನ್ನು ಬಿಡುವುದೇಕೆ?

ಮೇಲ್ನೋಟಕ್ಕೆ ಒಂದೇ, ಅರ್ಥ ಬೇರೆ. ಯುಗಾದಿಯಲ್ಲಿ ಬೇವು-ಬೆಲ್ಲ ಮುಂಬರುವ ವರ್ಷದ ಸುಖದುಃಖ. ಪಸ್ಕದ ಕಹಿ ಸೊಪ್ಪು ಹಿಂದೆ ಉಂಡ ಗುಲಾಮಗಿರಿ. ಅದನ್ನು ಅದ್ದುವ ಸಿಹಿ ಹೂರಣಕ್ಕೆ ಹರೋಸೆತ್ ಎನ್ನುತ್ತಾರೆ. ಯುರೋಪಿನವರು ಸೇಬು, ಅಕ್ರೋಟು, ದ್ರಾಕ್ಷಾರಸದಿಂದ ಮಾಡಿದರೆ ಬಾಗ್ದಾದಿ ಯೆಹೂದಿಗಳು ಖರ್ಜೂರದ ಪಾಕಕ್ಕೆ ಅಕ್ರೋಟು ಬೆರೆಸುತ್ತಾರೆ. ರುಚಿ ಸಿಹಿಯಾದರೂ ಅದು ನಿಂತಿರುವುದು ಐಗುಪ್ತದಲ್ಲಿ ಇಟ್ಟಿಗೆಗೆ ಕಲಸಿದ ಕೆಸರಿಗೆ. ಅದ್ದಿದ ಮೇಲೆ ಸೊಪ್ಪನ್ನು ಕೊಡವಬೇಕು ಎಂಬ ನಿಯಮವೂ ಇದೆ, ಸಿಹಿ ಕಹಿಯನ್ನು ಮುಚ್ಚಿಬಿಡಬಾರದು.

ತಟ್ಟೆಯಲ್ಲಿ ಇವುಗಳ ಜೊತೆ ಉಪ್ಪುನೀರಲ್ಲಿ ಅದ್ದುವ ಎಳೆ ಸೊಪ್ಪು, ಬೇಯಿಸಿದ ಮೊಟ್ಟೆ, ಸುಟ್ಟ ಒಂದು ಮೂಳೆ ಇರುತ್ತವೆ. ಮೂಳೆ ನೋಡಲಿಕ್ಕಷ್ಟೇ. ದೇವಾಲಯವಿದ್ದ ಕಾಲದಲ್ಲಿ ಪಸ್ಕದ ಕುರಿಮರಿಯನ್ನು ಜೆರುಸಲೇಮಿನಲ್ಲೇ ಕಡಿದು ಅಲ್ಲೇ ತಿನ್ನಬೇಕಿತ್ತು. ಕ್ರಿ.ಶ. 70ರಲ್ಲಿ ರೋಮನ್ನರು ದೇವಾಲಯ ಸುಟ್ಟ ಮೇಲೆ ಆ ಬಲಿ ನಿಂತಿತು, ಹಬ್ಬ ಮನೆಯ ಮೇಜಿಗೆ ಬಂತು.

ಬಟ್ಟಲಿನ ಅಳತೆ ಕನಿಷ್ಠ 86 ಮಿಲಿಲೀಟರ್ ಎಂಬುದು ಬಳಕೆಯಲ್ಲಿರುವ ಒಂದು ಲೆಕ್ಕ. ಮದ್ಯ ಒಗ್ಗದವರಿಗೆ ದ್ರಾಕ್ಷಿ ರಸವೂ ಆದೀತು. ನಮ್ಮ ಕೊಂಕಣ ಕರಾವಳಿಯ ಬೆನೆ ಇಸ್ರೇಲ್ ಸಮುದಾಯದವರು ಒಣದ್ರಾಕ್ಷಿ ನೆನೆಸಿ ಹಿಂಡಿದ ರಸವನ್ನು ಬಳಸುವ ರೂಢಿ ಇಟ್ಟುಕೊಂಡಿದ್ದಾರೆ. ನಾಲ್ಕು ಬಟ್ಟಲಿಗೆ ಆಧಾರ ಬೈಬಲಿನ ವಿಮೋಚನಕಾಂಡದ 6ನೇ ಅಧ್ಯಾಯ. ಹೊರಗೆ ತರುತ್ತೇನೆ, ದಾಸತ್ವದಿಂದ ಬಿಡಿಸುತ್ತೇನೆ, ವಿಮೋಚಿಸುತ್ತೇನೆ, ನನ್ನ ಜನರನ್ನಾಗಿ ತೆಗೆದುಕೊಳ್ಳುತ್ತೇನೆ ಎಂಬ ನಾಲ್ಕು ಮಾತುಗಳು ಅಲ್ಲಿವೆ. ಅದರ ಬೆನ್ನಿಗೇ 8ನೇ ವಚನದಲ್ಲಿ ಐದನೆಯದಿದೆ: ಆ ನಾಡಿಗೆ ಸೇರಿಸುತ್ತೇನೆ. ಅದಕ್ಕೂ ಒಂದು ಬಟ್ಟಲು ಬೇಕೇ ಎಂಬ ಚರ್ಚೆ ಬಹಳ ಹಳೆಯದು. ತೀರ್ಮಾನವಾಗದ ಪ್ರಶ್ನೆಯನ್ನು ಪ್ರವಾದಿ ಎಲೀಯ ಬಂದು ಬಗೆಹರಿಸುತ್ತಾನೆ ಎಂಬುದು ಅವರ ನಂಬಿಕೆ. ಹಾಗಾಗಿ ಐದನೇ ಬಟ್ಟಲನ್ನು ತುಂಬಿ, ಬಾಗಿಲು ತೆರೆದು, ಅವನ ಹೆಸರಿಗೆ ಇಡುತ್ತಾರೆ.

ಇನ್ನೂ ಸೂಕ್ಷ್ಮವಾದ ಒಂದು ಮಾತು ಆ ರಾತ್ರಿ ಓದುವ ಹಗ್ಗಾದಾ ಪುಸ್ತಕದಲ್ಲಿದೆ. ಅದರ ನಡುಭಾಗ ಧರ್ಮೋಪದೇಶಕಾಂಡ 26ನೇ ಅಧ್ಯಾಯದ 5ರಿಂದ 8ರವರೆಗಿನ ವಚನಗಳ ವ್ಯಾಖ್ಯಾನ: ಅಲೆಮಾರಿ ಪೂರ್ವಜ, ಐಗುಪ್ತದ ಕಷ್ಟ, ಬಿಡುಗಡೆ. 9ನೇ ವಚನ 'ನಮ್ಮನ್ನು ಈ ಸ್ಥಳಕ್ಕೆ ಕರೆತಂದು ಈ ನಾಡನ್ನು ಕೊಟ್ಟನು' ಎನ್ನುತ್ತದೆ. ರೂಢಿಯ ಹಗ್ಗಾದಾ ಅದಕ್ಕೆ ಮೊದಲೇ ನಿಂತುಬಿಡುತ್ತದೆ. ನಾಡಿಲ್ಲದವರು ಆ ವಾಕ್ಯವನ್ನು ಯಾವ ಬಾಯಿಂದ ಓದಿಯಾರು? ಬಿಡುಗಡೆ ಆಗಿದೆ, ಊರು ಸೇರಿಲ್ಲ. ಆ ಜನರ ಎರಡು ಸಾವಿರ ವರ್ಷದ ಚರಿತ್ರೆ ಆ 8 ಮತ್ತು 9ರ ನಡುವೆ ಇದೆ ಎಂದು ನಮಗೆ ಅನ್ನಿಸುತ್ತದೆ.

ಪ್ರಶ್ನೆ: ನೋಡದ ನಾಡನ್ನು ಅಷ್ಟು ತಲೆಮಾರು ನೆನಪಿಟ್ಟುಕೊಳ್ಳಲು ಹೇಗೆ ಸಾಧ್ಯ?

ನೆನಪನ್ನು ದಿನದ ಕೆಲಸಕ್ಕೆ ಕಟ್ಟಿಹಾಕಿ. ಪ್ರಾರ್ಥನೆಗೆ ಜೆರುಸಲೇಮಿನ ದಿಕ್ಕಿಗೆ ನಿಲ್ಲಬೇಕು. ಹೊಸ ಮನೆ ಕಟ್ಟಿದರೆ ಬಾಗಿಲಿನ ಎದುರು ಗೋಡೆಯಲ್ಲಿ ಒಂದು ಚದರ ಮೊಳದಷ್ಟು ಜಾಗಕ್ಕೆ ಗಾರೆ ಮಾಡದೆ ಬಿಡಬೇಕು, ದೇವಾಲಯ ಬಿದ್ದ ನೆನಪಿಗೆ. ಮದುವೆಯಲ್ಲಿ ಮದುಮಗ ಗಾಜಿನ ಲೋಟ ತುಳಿದು ಒಡೆಯುವುದಕ್ಕೂ ಅದೇ ಕಾರಣ ಹೇಳುತ್ತಾರೆ. ಮಳೆಯ ಪ್ರಾರ್ಥನೆ ನೋಡಿ: ಮಳೆ ಸುರಿಸುವವನೆಂದು ದೇವರನ್ನು ಸ್ತುತಿಸುವ ಮಾತು ಶರತ್ಕಾಲದ ಹಬ್ಬದಲ್ಲಿ ಶುರುವಾಗಿ ಪಸ್ಕಕ್ಕೆ ನಿಲ್ಲುತ್ತದೆ, ಏಕೆಂದರೆ ಇಸ್ರೇಲಿನಲ್ಲಿ ಮಳೆಗಾಲ ಚಳಿಗಾಲದಲ್ಲೇ. ಕೊಚ್ಚಿಯ ಯೆಹೂದಿಗಳು ಜೂನ್ ತಿಂಗಳ ಮುಂಗಾರು ಹೊರಗೆ ಹೊಯ್ಯುತ್ತಿರುವಾಗ ಒಳಗೆ ಆ ಮಾತನ್ನು ಬಿಟ್ಟು ಪ್ರಾರ್ಥಿಸುತ್ತಿದ್ದರು. ಕಾಲಡಿಯ ನೆಲ ಕೇರಳದ್ದು, ಬಾಯಲ್ಲಿನ ಋತು ಇಸ್ರೇಲಿನ ಉತ್ತರ ಭಾಗವಾದ ಗಲಿಲಾಯದ್ದು.

ಯೆಹೂದಿಗಳೆಲ್ಲರೂ ಆ ನಾಡು ಬಿಟ್ಟು ಹೊರಹೋದರು ಎಂಬುದೂ ಪೂರ್ತಿ ಸರಿಯಲ್ಲ. ಕ್ರಿ.ಶ. 135ರಲ್ಲಿ ರೋಮನ್ನರ ವಿರುದ್ಧ ಬಾರ್ ಕೋಖ್ಬಾ ಎಂಬ ನಾಯಕ ಎಬ್ಬಿಸಿದ ದಂಗೆ ಸೋತ ಮೇಲೆ ರೋಮನ್ ಚಕ್ರವರ್ತಿ ಹೇಡ್ರಿಯನ್ ಯೆಹೂದಿಗಳನ್ನು ಜೆರುಸಲೇಮಿನಿಂದ ಹೊರಗಿಟ್ಟ. ಆದರೂ ಗಲಿಲಾಯದಲ್ಲಿ ಅವರು ಉಳಿದರು. ಜೆರುಸಲೇಮ್ ತಾಲ್ಮೂದ್ ಎಂಬ ಗ್ರಂಥ ರೂಪುಗೊಂಡದ್ದು ಮುಖ್ಯವಾಗಿ ಅಲ್ಲಿನ ತಿಬೇರಿಯದಲ್ಲಿ. 1492ರಲ್ಲಿ ಸ್ಪೇನ್ ಹೊರಹಾಕಿದವರಲ್ಲಿ ಹಲವರು ಮುಂದೆ ಗಲಿಲಾಯದ ಸಫೇದ್ ಪಟ್ಟಣ ಸೇರಿದರು.

ಪ್ರಶ್ನೆ: ಬ್ರಿಟಿಷರು ಆಫ್ರಿಕಾದಲ್ಲಿ ಜಾಗ ಕೊಡುತ್ತೇವೆ ಎಂದಾಗ ಒಪ್ಪಿಕೊಂಡಿದ್ದರೆ ಜಗಳವೇ ಇರುತ್ತಿರಲಿಲ್ಲವಲ್ಲ?

'ಉಗಾಂಡಾ ಯೋಜನೆ' ಎಂದು ಹೆಸರಾದರೂ ಆ ಜಾಗ ಇಂದಿನ ಕೀನ್ಯಾದ ಉವಾಸಿನ್ ಗಿಶು ಪ್ರಸ್ಥಭೂಮಿ. ಅಲ್ಲೂ ಜನರಿದ್ದರು, ಅದು ಖಾಲಿ ನೆಲವಲ್ಲ. 1903ರ ಏಪ್ರಿಲ್‌ನಲ್ಲಿ ರಷ್ಯಾ ಸಾಮ್ರಾಜ್ಯದ ಕಿಶಿನೆವ್‌ನಲ್ಲಿ ಯೆಹೂದಿಗಳ ಕಗ್ಗೊಲೆ ನಡೆದಿತ್ತು. ಅದೇ ಆಗಸ್ಟಿನಲ್ಲಿ ಬಾಸೆಲ್‌ನ ಆರನೇ ಝಿಯೋನಿಸ್ಟ್ ಕಾಂಗ್ರೆಸ್, ಅಂದರೆ ಯೆಹೂದಿಗಳಿಗೆ ತಾಯ್ನಾಡು ಬೇಕೆಂಬ ಚಳವಳಿಯ ಮಹಾಸಭೆ, ಅದರ ಮುಂದೆ ಚಳವಳಿಯ ನಾಯಕ ಥಿಯೋಡೋರ್ ಹರ್ಝಲ್ ಈ ಪ್ರಸ್ತಾಪ ಇಟ್ಟರು. ಜಾಗ ನೋಡಿಬರಲು ತಂಡ ಕಳಿಸೋಣ ಎಂಬುದಕ್ಕೆ 295 ಮತ ಪರ, 178 ವಿರುದ್ಧ. ವಿರೋಧಿಸಿ ಎದ್ದುಹೋದವರಲ್ಲಿ ರಷ್ಯಾದ ಪ್ರತಿನಿಧಿಗಳೇ ಹೆಚ್ಚು, ಕಿಶಿನೆವ್‌ನವರೂ ಇದ್ದರು. ಯಾರ ಕುತ್ತಿಗೆಗೆ ಕತ್ತಿ ಬಂದಿತ್ತೋ ಅವರೇ ಬೇರೆ ನೆಲ ಒಲ್ಲೆವೆಂದರು. 1905ರ ಏಳನೇ ಕಾಂಗ್ರೆಸ್ ಯೋಜನೆಯನ್ನು ಕೈಬಿಟ್ಟಿತು.

ಹಾಗೆಂದು ಎಲ್ಲಾದರೂ ಸರಿ, ಆಸರೆ ಸಿಗಲಿ ಎಂದವರನ್ನು ದ್ರೋಹಿಗಳೆಂದು ಕರೆಯುವುದು ಅನ್ಯಾಯ. 1938ರ ಜುಲೈಯಲ್ಲಿ ಫ್ರಾನ್ಸಿನ ಎವಿಯಾನ್‌ನಲ್ಲಿ 32 ದೇಶಗಳು ಸೇರಿ ನಿರಾಶ್ರಿತರ ಬಗ್ಗೆ ಮಾತಾಡಿದವು, ಬಾಗಿಲು ತೆರೆದವರು ಇಲ್ಲವೆನ್ನುವಷ್ಟು ಕಡಿಮೆ. 1939ರಲ್ಲಿ ಬ್ರಿಟನ್ ತನ್ನ ಆಡಳಿತದಲ್ಲಿದ್ದ ಪ್ಯಾಲೆಸ್ಟೈನಿಗೆ ಐದು ವರ್ಷಕ್ಕೆ 75,000 ಯೆಹೂದಿಗಳೆಂದು ಮಿತಿ ಹಾಕಿತು. ಮುಂದಿನ ಆರು ವರ್ಷದಲ್ಲಿ ಯುರೋಪಿನಲ್ಲಿ ಸುಮಾರು 60 ಲಕ್ಷ ಯೆಹೂದಿಗಳು ಕೊಲೆಯಾದರು.

1948ರ ಮೇ 14ಕ್ಕೆ ಇಸ್ರೇಲ್ ಘೋಷಣೆಯಾಯಿತು. ಆಗಿನ ಅರಬ್-ಇಸ್ರೇಲ್ ಯುದ್ಧದಲ್ಲಿ ಸುಮಾರು 7 ಲಕ್ಷ ಪ್ಯಾಲೆಸ್ಟೈನ್ ಅರಬರು ಮನೆ ಕಳೆದುಕೊಂಡರು. ನಂತರದ ವರ್ಷಗಳಲ್ಲಿ ಅರಬ್ ದೇಶಗಳಿಂದ ಲಕ್ಷಾಂತರ ಯೆಹೂದಿಗಳು ಊರು ಬಿಟ್ಟು ಬಂದರು. ಒಬ್ಬರ ಮರಳುವಿಕೆ ಇನ್ನೊಬ್ಬರ ಗಡೀಪಾರಾದ ಈ ಭಾಗವನ್ನು ಬಿಟ್ಟು ಹೇಳಿದರೆ ಚರಿತ್ರೆ ಅರ್ಧವಾಗುತ್ತದೆ.

ಪ್ರಶ್ನೆ: ಮೈಸೂರು ಲ್ಯಾನ್ಸರ್ಸ್ ಯೆಹೂದಿಗಳಿಗಾಗಿ ಹೈಫಾವನ್ನು ಗೆದ್ದುಕೊಟ್ಟಿತು ಎಂಬ ಸಂದೇಶ ಓಡಾಡುತ್ತಿದೆ. ನಿಜವೇ?

ಗೆದ್ದದ್ದು ನಿಜ, ಯೆಹೂದಿಗಳಿಗಾಗಿ ಎಂಬುದು ಆಮೇಲೆ ಸೇರಿಸಿದ ಮಾತು. 1918ರ ಸೆಪ್ಟೆಂಬರ್ 23ರಂದು ಬ್ರಿಟಿಷ್ ಜನರಲ್ ಅಲೆನ್‌ಬಿಯ ಸೇನೆಯ ಭಾಗವಾಗಿ ಜೋಧಪುರ ಮತ್ತು ಮೈಸೂರು ಸಂಸ್ಥಾನಗಳ ಕುದುರೆ ಪಡೆಗಳು ಆಟೊಮನ್ ತುರ್ಕರ ಕೈಯಲ್ಲಿದ್ದ, ಇಂದಿನ ಇಸ್ರೇಲಿನ ಬಂದರು ಊರಾದ ಹೈಫಾದ ಮೇಲೆ ದಾಳಿ ಮಾಡಿದವು. ಊರಿಗೆ ಹೋಗುವ ದಾರಿ ಕಾರ್ಮೆಲ್ ಬೆಟ್ಟಕ್ಕೂ ಕೀಶೋನ್ ಹೊಳೆಗೂ ನಡುವಿನ ಇಕ್ಕಟ್ಟು. ಹೊಳೆಯ ದಡ ಜೌಗು, ಕುದುರೆ ಹೂತುಹೋಗುತ್ತಿದ್ದವು. ಬೆಟ್ಟದ ಮೇಲೆ ಫಿರಂಗಿಗಳಿದ್ದವು. ಮೈಸೂರಿನ ಸವಾರರ ಒಂದು ತಂಡ ಕಾರ್ಮೆಲ್ ಹತ್ತಿ ಆ ಫಿರಂಗಿಗಳ ಮೇಲೆ ಎರಗಿತು, ಜೋಧಪುರದವರು ಕೆಳಗಿನಿಂದ ಊರೊಳಗೆ ನುಗ್ಗಿದರು. ಸುಮಾರು 1,350 ಜನ ಸೆರೆಸಿಕ್ಕರು.

ಆಗ ಹೈಫಾದಲ್ಲಿ ಅರಬರೇ ಬಹುಸಂಖ್ಯಾತರು. ನಮ್ಮ ಸೈನಿಕರು ಹೋರಾಡಿದ್ದು ಬ್ರಿಟಿಷ್ ಸಾಮ್ರಾಜ್ಯದ ಯುದ್ಧದಲ್ಲಿ, ಮಹಾರಾಜರ ಪಡೆಯಾಗಿ. 'ಯೆಹೂದಿ ಜನರಿಗೆ ರಾಷ್ಟ್ರೀಯ ನೆಲೆ' ಎಂಬ ಬಾಲ್ಫರ್ ಘೋಷಣೆ ಹಿಂದಿನ ವರ್ಷದ ನವೆಂಬರ್ 2ರಂದು ಬಂದಿದ್ದರೂ ಅದು ಲಂಡನ್ನಿನ ನಿರ್ಧಾರ, ಈ ಸವಾರರನ್ನು ಯಾರೂ ಕೇಳಿರಲಿಲ್ಲ. ದೆಹಲಿಯ ತೀನ್ ಮೂರ್ತಿ ಸ್ಮಾರಕದ ಮೂವರು ಸೈನಿಕರಲ್ಲಿ ಒಬ್ಬ ಮೈಸೂರಿನವನು, ಉಳಿದಿಬ್ಬರು ಜೋಧಪುರ ಮತ್ತು ಹೈದರಾಬಾದಿನವರು. ಬೆಂಗಳೂರಿನ ಜೆ.ಸಿ. ನಗರದಲ್ಲಿ ಮೈಸೂರು ಲ್ಯಾನ್ಸರ್ಸ್‌ನ ಸ್ಮಾರಕ ಸ್ತಂಭವಿದೆ. ಸಂದೇಶ ಮುಂದಕ್ಕೆ ಕಳಿಸುವ ಮೊದಲು ಒಮ್ಮೆ ಅಲ್ಲಿಗೆ ಹೋಗಿ ಬನ್ನಿ.