ಇಥಿಯೋಪಿಯಾದ ಕೆಲಸಕ್ಕೆ ಒಪ್ಪಿಕೊಳ್ಳುವ ಮುನ್ನ

ನಮಸ್ಕಾರ. ದಾವಣಗೆರೆಯಲ್ಲಿ ಅತಿಥಿ ಉಪನ್ಯಾಸಕರಾಗಿ ಗಣಿತ ಹೇಳುತ್ತಿದ್ದೀರಿ, ಪಿಎಚ್.ಡಿ. ಮುಗಿದಿದೆ, ದಕ್ಷಿಣ ಇಥಿಯೋಪಿಯಾದ ಒಂದು ಸರ್ಕಾರಿ ವಿಶ್ವವಿದ್ಯಾಲಯ ಎರಡು ವರ್ಷಕ್ಕೆ ಕರೆದಿದೆ ಅಂತ ಬರೆದಿದ್ದೀರಿ. ಹೋಗಬಹುದಾ ಸರ್, ಓದಿನ ಮಟ್ಟ ಹೇಗಿದೆ, ಸಸ್ಯಾಹಾರ ಸಿಗುತ್ತದಾ, ಹೆಂಡತಿ ಮಗು ಜೊತೆಗೆ ಬರಬಹುದಾ ಅಂತ ಕೇಳಿದ್ದೀರಿ. ನಾನು ಇಲ್ಲಿಗೆ ಬಂದು ಬಹಳ ವರ್ಷ ಆಯಿತು. ಮೊದಲು ದಕ್ಷಿಣದ ಒಂದು ಊರಲ್ಲಿದ್ದೆ, ಈಗ ರಾಜಧಾನಿ ಅಡಿಸ್ ಅಬಾಬಾದಲ್ಲಿದ್ದೇನೆ. ನನಗೆ ಗೊತ್ತಿರುವಷ್ಟು ಹೇಳುತ್ತೇನೆ.

ಊಟದ ಮಾತು ಮೊದಲೇ ಮುಗಿಸೋಣ, ಅದು ಸುಲಭ. ಇಲ್ಲಿನ ಆರ್ಥೊಡಾಕ್ಸ್ ಕ್ರೈಸ್ತರು ಬುಧವಾರ, ಶುಕ್ರವಾರ ಉಪವಾಸ ಮಾಡುತ್ತಾರೆ. ಅವತ್ತು ಮಾಂಸ ಹಾಗಿರಲಿ, ಹಾಲು ಬೆಣ್ಣೆ ಕೂಡ ಮುಟ್ಟುವುದಿಲ್ಲ. ಈಸ್ಟರಿಗೆ ಮುಂಚೆ 55 ದಿನ ಇದೇ ಕ್ರಮ. ಹಾಗಾಗಿ ಸಣ್ಣ ಊರಿನ ಹೋಟೆಲಿನಲ್ಲೂ ಉಪವಾಸದ ಊಟ ಅಂದರೆ ಇಂಜೆರಾ ಮೇಲೆ ಬೇಳೆ, ಶಿರೊ ಅನ್ನುವ ಕಡಲೆಹಿಟ್ಟಿನ ಗೊಜ್ಜು, ಕೋಸಿನ ಪಲ್ಯ ಬಡಿಸಿ ತರುತ್ತಾರೆ. ಇಂಜೆರಾ ನಮ್ಮ ಸೆಟ್ ದೋಸೆಗೆ ಹುಳಿ ಜಾಸ್ತಿಯಾದ, ಅಗಲವಾದ ಅಣ್ಣ. ವಾರದೊಳಗೆ ಒಗ್ಗುತ್ತದೆ. ಅಡಿಸ್ ಅಬಾಬಾ ಸಮುದ್ರಮಟ್ಟದಿಂದ 2,300 ಮೀಟರಿಗೂ ಮೇಲಿದೆ, ಬೇಳೆ ಸುಮ್ನೆ ಬೇಯುವುದಿಲ್ಲ. ಕುಕ್ಕರ್ ಮರೆಯಬೇಡಿ.

ಇನ್ನು ನಿಜವಾದ ವಿಷಯ. ನಿಮ್ಮನ್ನು ಯಾಕೆ ಕರೆಯುತ್ತಿದ್ದಾರೆ ಅನ್ನುವುದು ನಿಮಗೆ ಗೊತ್ತಿರಬೇಕು.

ಈ ದೇಶಕ್ಕೂ ನಮ್ಮ ಮೇಷ್ಟ್ರುಗಳಿಗೂ ಹಳೆಯ ನಂಟಿದೆ. ಹೈಲೆ ಸೆಲಾಸಿ ಚಕ್ರವರ್ತಿಯ ಕಾಲದಲ್ಲೇ ಭಾರತದಿಂದ, ಅದರಲ್ಲೂ ಕೇರಳದಿಂದ, ಬಹಳ ಜನ ಇಲ್ಲಿನ ಹೈಸ್ಕೂಲುಗಳಿಗೆ ಬಂದಿದ್ದರು. ಅರವತ್ತು ದಾಟಿದ ಯಾರನ್ನಾದರೂ ಮಾತಾಡಿಸಿ, "ನನಗೆ ಲೆಕ್ಕ ಕಲಿಸಿದ್ದು ಭಾರತದವರು" ಅನ್ನುತ್ತಾರೆ. ಆ ಗೌರವ ಇವತ್ತಿಗೂ ನಮಗೆ ಪುಕ್ಕಟೆಯಾಗಿ ಸಿಗುತ್ತಿದೆ. ನಾವು ಗಳಿಸಿದ್ದಲ್ಲ.

ಅಡಿಸ್ ಅಬಾಬಾದ ಯೂನಿವರ್ಸಿಟಿ ಕಾಲೇಜು ಶುರುವಾಗಿದ್ದು 1950ರಲ್ಲಿ. 1961ರಲ್ಲಿ ಅದು ವಿಶ್ವವಿದ್ಯಾಲಯವಾಯಿತು. ಚಕ್ರವರ್ತಿ ತನ್ನ ಅರಮನೆಯನ್ನೇ ಅದಕ್ಕೆ ಬಿಟ್ಟುಕೊಟ್ಟ. ಅದೇ ವಿಶ್ವವಿದ್ಯಾಲಯದ ಹುಡುಗರು ಮುಂದೆ "ಭೂಮಿ ಉಳುವವನಿಗೆ" ಅಂತ ಬೀದಿಗಿಳಿದರು. 1974ರಲ್ಲಿ ಸಿಂಹಾಸನ ಉರುಳಿತು. ಆಮೇಲೆ ಬಂದ ಸೈನಿಕ ಸರ್ಕಾರ ಮೊದಲು ವಿದ್ಯಾರ್ಥಿಗಳನ್ನು ಹಳ್ಳಿಗಳಿಗೆ ಕಳಿಸಿತು, 1977-78ರ ಹೊತ್ತಿಗೆ ಸಾವಿರಾರು ಯುವಕರನ್ನು ಕೊಂದಿತು. ಬದುಕಿದವರಲ್ಲಿ ಎಷ್ಟೋ ಜನ ಅಮೆರಿಕ, ಯುರೋಪು ಸೇರಿದರು. ಪಾಠ ಹೇಳಬೇಕಾದ ಒಂದು ತಲೆಮಾರೇ ಹೋಯಿತು ಅನ್ನಿ.

ಆಫ್ರಿಕಾದ ಉಳಿದ ಬಹಳಷ್ಟು ಕಡೆ ರಕ್ತ ಇಷ್ಟು ಹರಿಯದಿದ್ದರೂ ಪೆಟ್ಟು ತಪ್ಪಲಿಲ್ಲ. 1980ರ ದಶಕದಲ್ಲಿ ವಿಶ್ವಬ್ಯಾಂಕ್ ಪ್ರಾಥಮಿಕ ಶಾಲೆಗೆ ದುಡ್ಡು ಹಾಕಿ, ವಿಶ್ವವಿದ್ಯಾಲಯಕ್ಕೆ ಹಾಕಿದರೆ ಅಷ್ಟು ಲಾಭ ಇಲ್ಲ ಅಂತ ವಾದಿಸಿತು. ಸಾಲ ಬೇಕಿದ್ದ ಸರ್ಕಾರಗಳು ತಲೆಯಾಡಿಸಿದವು. 1922ರಲ್ಲಿ ಹುಟ್ಟಿದ ಉಗಾಂಡದ ಮಕೆರೆರೆಯಂಥ ದೊಡ್ಡ ಹೆಸರಿನ ವಿಶ್ವವಿದ್ಯಾಲಯ ಕೂಡ 1990ರ ದಶಕದಲ್ಲಿ ಫೀಸು ಕಟ್ಟುವವರಿಗಾಗಿ ಸಂಜೆ ತರಗತಿ ತೆರೆದು ಹೊಟ್ಟೆ ಹೊರೆದುಕೊಂಡಿತು. ಆಮೇಲೆ ಅದೇ ಬ್ಯಾಂಕು, ದೇಶ ಬೆಳೆಯಲು ವಿಶ್ವವಿದ್ಯಾಲಯವೂ ಬೇಕು, ಇದು "ಜ್ಞಾನದ ಆರ್ಥಿಕತೆ" ಅಂತ ರಾಗ ಬದಲಿಸಿತು. ಅಷ್ಟರಲ್ಲಿ ಲೈಬ್ರರಿಗಳು ಹಳತಾಗಿದ್ದವು, ಒಳ್ಳೆಯ ಮೇಷ್ಟ್ರುಗಳು ವಿಮಾನ ಹತ್ತಿದ್ದರು.

ಇಥಿಯೋಪಿಯಾದ್ದು ಇನ್ನೊಂದು ದಾರಿ. 1990ರ ದಶಕದ ಆರಂಭದಲ್ಲಿ ಇಲ್ಲಿ ಇದ್ದದ್ದು ಎರಡೇ ವಿಶ್ವವಿದ್ಯಾಲಯ. ಈಗ ಸರ್ಕಾರಿ ವಿಶ್ವವಿದ್ಯಾಲಯಗಳೇ 40ಕ್ಕಿಂತ ಜಾಸ್ತಿ. ಕಟ್ಟಡವನ್ನು ಎರಡು ವರ್ಷದಲ್ಲಿ ಎಬ್ಬಿಸಬಹುದು, ಪಿಎಚ್.ಡಿ. ಆದ ಮೇಷ್ಟ್ರನ್ನು ಎಬ್ಬಿಸೋದು ಹೇಗೆ? ಇದರ ಮೇಲೆ 2008ರಲ್ಲಿ ಇನ್ನೊಂದು ನಿಯಮ ಬಂತು. ನೂರಕ್ಕೆ 70 ಮಂದಿ ವಿಜ್ಞಾನ, ತಂತ್ರಜ್ಞಾನ ಓದಬೇಕು, 30 ಮಂದಿ ಉಳಿದದ್ದು. ಇದ್ದಕ್ಕಿದ್ದಂತೆ ಸಾವಿರಾರು ಮಕ್ಕಳಿಗೆ ಗಣಿತ, ಭೌತಶಾಸ್ತ್ರ, ಎಂಜಿನಿಯರಿಂಗ್ ಹೇಳುವವರು ಬೇಕಾದರು. ನಾವು ಬಂದದ್ದು ಆ ತೂತು ಮುಚ್ಚೋಕೆ. ನಮ್ಮಲ್ಲಿ ಪಿಎಚ್.ಡಿ. ಮಾಡಿಕೊಂಡು ಗಂಟೆ ಲೆಕ್ಕದ ಪಾಠಕ್ಕೆ ಕಾಯುತ್ತಿದ್ದವರು ಎಷ್ಟಿದ್ದರು ಅನ್ನುವುದು ನಿಮಗೇ ಗೊತ್ತು. ಅವರ ಅವಸರಕ್ಕೂ ನಮ್ಮ ನಿರುದ್ಯೋಗಕ್ಕೂ ಸರಿಯಾಗಿ ಜೋಡಿ ಆಯಿತು, ಅಷ್ಟೇ.

ಓದಿನ ಮಟ್ಟ ಕೇಳಿದಿರಿ. ಮಕ್ಕಳು ದಡ್ಡರಲ್ಲ. ಪ್ರಾಥಮಿಕ ಶಾಲೆಯಲ್ಲಿ ಅಮ್ಹಾರಿಕ್, ಒರೊಮೊ, ಟಿಗ್ರಿನ್ಯ, ಸಿದಾಮ ಹೀಗೆ ತಮ್ಮ ತಮ್ಮ ಭಾಷೆಯಲ್ಲಿ ಓದುತ್ತಾರೆ. ಒಂಬತ್ತನೇ ಕ್ಲಾಸಿಗೆ ಬರುವ ಹೊತ್ತಿಗೆ ಎಲ್ಲವೂ ಇಂಗ್ಲಿಷ್. ಅಲ್ಲಿ ಅವರಿಗೆ ಇಂಗ್ಲಿಷ್ ಕಲಿಸುವ ಮೇಷ್ಟ್ರಿಗೂ ಅದು ಕಷ್ಟವೇ. ಕನ್ನಡ ಮಾಧ್ಯಮದಿಂದ ಪಿಯುಸಿ ಸೈನ್ಸ್‌ಗೆ ಹೋಗಿ ಮೊದಲ ಆರು ತಿಂಗಳು ಬೆವರಿದವರಿಗೆ ಈ ಹುಡುಗರ ಮುಖ ನೋಡಿದ ಕೂಡಲೇ ಅರ್ಥವಾಗುತ್ತದೆ. ಲೆಕ್ಕ ಗೊತ್ತಿರುತ್ತದೆ, ಪ್ರಶ್ನೆಯೇ ಅರ್ಥ ಆಗಿರುವುದಿಲ್ಲ. ನೀವು ನಿಧಾನವಾಗಿ ಮಾತಾಡಿ, ಬೋರ್ಡಿನ ಮೇಲೆ ಪೂರ್ತಿ ಬರೆಯಿರಿ. ನಮ್ಮ ಇಂಗ್ಲಿಷಿನ ಧಾಟಿ ಅವರಿಗೆ ಅರ್ಥವಾಗುವುದಿಲ್ಲ ಅನ್ನುವ ದೂರು ಭಾರತದ ಮೇಷ್ಟ್ರುಗಳ ಮೇಲೆ ಯಾವಾಗಲೂ ಇದೆ. ಅದರಲ್ಲಿ ಸುಳ್ಳೇನೂ ಇಲ್ಲ.

ಈಗ ಗಾಳಿ ಬದಲಾಗಿದೆ. ಹನ್ನೆರಡನೇ ಕ್ಲಾಸಿನ ಪರೀಕ್ಷೆಯ ಪ್ರಶ್ನೆಪತ್ರಿಕೆ ಸೋರಿ ಸೋರಿ ಸಾಕಾಗಿ, 2022ರಲ್ಲಿ ಮಕ್ಕಳನ್ನೆಲ್ಲ ವಿಶ್ವವಿದ್ಯಾಲಯಗಳ ಆವರಣಕ್ಕೇ ಕರೆತಂದು, ಅಲ್ಲೇ ಉಳಿಸಿ ಪರೀಕ್ಷೆ ಬರೆಸಿದರು. ಸುಮಾರು ಒಂಬತ್ತು ಲಕ್ಷ ಮಂದಿಯಲ್ಲಿ ಅರ್ಧ ಅಂಕ ದಾಟಿದವರು ಶೇ 3.3 ಮಾತ್ರ. ಮರುವರ್ಷವೂ ಹೆಚ್ಚುಕಡಿಮೆ ಅಷ್ಟೇ. ಶಿಕ್ಷಣ ಸಚಿವ ಬೆರ್ಹಾನು ನೆಗಾ ಹಿಂದೆ ಸರಿಯಲಿಲ್ಲ. ಫೇಲಾದವರಲ್ಲಿ ಸ್ವಲ್ಪ ಮೇಲಿದ್ದವರಿಗೆ ವಿಶ್ವವಿದ್ಯಾಲಯದಲ್ಲೇ ಪೂರಕ ತರಗತಿ ಇಟ್ಟರು. 2023ರಿಂದ ಡಿಗ್ರಿ ಮುಗಿಸುವವರಿಗೂ ರಾಷ್ಟ್ರಮಟ್ಟದ ಒಂದು ನಿರ್ಗಮನ ಪರೀಕ್ಷೆ ಬಂತು. ಅದು ಪಾಸಾಗದೆ ಡಿಗ್ರಿ ಇಲ್ಲ. ನನ್ನ ಲೆಕ್ಕದಲ್ಲಿ ಇದು ಆಗಲೇಬೇಕಿದ್ದ ಕೆಲಸ. ಆದರೆ ಇದರ ಬಿಸಿ ನಿಮಗೂ ತಟ್ಟುತ್ತದೆ. ನೂರಾರು ಮಕ್ಕಳಿಗೆ ಕಟ್ಟಿದ ತರಗತಿಯಲ್ಲಿ ಈಗ ಮುಂದಿನ ಎರಡು ಸಾಲು ತುಂಬಿದರೆ ಹೆಚ್ಚು. ಮಕ್ಕಳು ಕಡಿಮೆಯಾದರೆ ಹೊರಗಿನ ಮೇಷ್ಟ್ರು ಯಾಕೆ ಬೇಕು? ಎರಡು ವರ್ಷದ ಕಾಂಟ್ರಾಕ್ಟನ್ನು ಎರಡೇ ವರ್ಷ ಅಂತ ಓದಿಕೊಳ್ಳಿ. "ಆಮೇಲೆ ಮುಂದುವರಿಯುತ್ತದೆ" ಅಂತ ಏಜೆಂಟ್ ಹೇಳಿದರೆ ನಂಬಬೇಡಿ.

ಸಂಬಳದ ವಿಷಯ ಸ್ವಲ್ಪ ಇರುಸುಮುರುಸಿನದು. ನಾನು ಬಂದಾಗ ಪಕ್ಕದ ಮೇಜಿನಲ್ಲಿ ಎಂ.ಎಸ್ಸಿ. ಮಾಡಿದ ಒಬ್ಬ ಹುಡುಗ ಇದ್ದ. ನನಗಿಂತ ಜಾಸ್ತಿ ತರಗತಿ ತೆಗೆದುಕೊಳ್ಳುತ್ತಿದ್ದ, ನನಗಿಂತ ಚೆನ್ನಾಗಿ ಹೇಳುತ್ತಿದ್ದ. ನನ್ನ ಸಂಬಳ ಡಾಲರ್ ಲೆಕ್ಕದಲ್ಲಿ, ಅವನದು ಇಲ್ಲಿನ ಕರೆನ್ಸಿ ಬಿರ್‌ನಲ್ಲಿ, ನನ್ನದರಲ್ಲಿ ಒಂದು ಸಣ್ಣ ಪಾಲು. ಸಂಜೆ ಖಾಸಗಿ ಕಾಲೇಜಿನಲ್ಲಿ ಪಾಠ ಮಾಡಿ ಬಾಡಿಗೆ ಕಟ್ಟುತ್ತಿದ್ದ. ಸ್ಟಾಫ್ ರೂಮಿನಲ್ಲಿ ಇದನ್ನು ಯಾರೂ ಬಾಯಿಬಿಟ್ಟು ಹೇಳುವುದಿಲ್ಲ, ಆದರೆ ಎಲ್ಲರಿಗೂ ಗೊತ್ತಿರುತ್ತದೆ. 2024ರ ಜುಲೈನಲ್ಲಿ ಸರ್ಕಾರ ಬಿರ್‌ನ ಬೆಲೆಯನ್ನು ಮಾರುಕಟ್ಟೆಗೆ ಬಿಟ್ಟ ಮೇಲೆ ಕೆಲವೇ ತಿಂಗಳಲ್ಲಿ ಡಾಲರ್ ಹೆಚ್ಚುಕಡಿಮೆ ದುಪ್ಪಟ್ಟಾಯಿತು. ಸ್ಥಳೀಯ ಮೇಷ್ಟ್ರುಗಳ ಕೈಗೆ ಬರುವ ದುಡ್ಡಿನ ತೂಕ ಅಷ್ಟು ಇಳಿಯಿತು. ನೀವು ಅವರ ಮುಂದೆ "ಇಲ್ಲಿ ಸಂಬಳ ಸಾಲದು" ಅಂತ ಮಾತ್ರ ಗೊಣಗಬೇಡಿ.

ಆ ಹುಡುಗ ಮುಂದೆ ಮೈಸೂರಿಗೆ ಹೋಗಿ ಪಿಎಚ್.ಡಿ. ಮಾಡಿಕೊಂಡು ಬಂದ. ಮೈಸೂರು ಪಾಕಿನ ಬಗ್ಗೆ ನನಗಿಂತ ಜಾಸ್ತಿ ಮಾತಾಡುತ್ತಾನೆ. ಈಗ ಅವನೇ ವಿಭಾಗದ ಮುಖ್ಯಸ್ಥ. ಅಲ್ಲಿ ಹೊರದೇಶದವರ ಕಾಂಟ್ರಾಕ್ಟ್ ಮುಂದುವರಿಸಬೇಕಾ ಬೇಡವಾ ಅಂತ ಮೊದಲ ಅಭಿಪ್ರಾಯ ಬರೆಯುವವನೂ ಅವನೇ. ಹೋದ ವರ್ಷ ಇಬ್ಬರದು ಬೇಡ ಅಂತ ಬರೆದ. ಆ ಇಬ್ಬರೂ ನನಗೆ ಫೋನ್ ಮಾಡಿ ಬೈದರು. ನಾನು ಅವನ ಪರವಾಗಿಯೇ ಮಾತಾಡಿದೆ. ನಮ್ಮ ಜಾಗಕ್ಕೆ ಅವರ ಮಕ್ಕಳು ಬರಲಿ ಅಂತ ತಾನೇ ನಮ್ಮನ್ನು ಕರೆಸಿದ್ದು.

ಇನ್ನೊಂದು ವಿಷಯ ಹೇಳಲೇಬೇಕು, ನಾಚಿಕೆ ಆದರೂ. ಇಲ್ಲಿ ಬಡ್ತಿಗೆ ಸಂಶೋಧನಾ ಲೇಖನ ಬೇಕು. ದುಡ್ಡು ಕಟ್ಟಿದರೆ ವಾರದಲ್ಲಿ ಅಚ್ಚು ಹಾಕುವ ಪತ್ರಿಕೆಗಳಲ್ಲಿ ಬಹಳಷ್ಟು ನಡೆಯುವುದು ನಮ್ಮ ದೇಶದಿಂದ. ಹೈದರಾಬಾದಿನ ಇಂಥ ಒಂದು ಪ್ರಕಾಶನಕ್ಕೆ 2019ರಲ್ಲಿ ಅಮೆರಿಕದ ಕೋರ್ಟು 5 ಕೋಟಿ ಡಾಲರಿಗೂ ಹೆಚ್ಚು ಕಟ್ಟಲು ಹೇಳಿತ್ತು. ಬಂದ ಹೊಸದರಲ್ಲೇ ಯಾರಾದರೂ "ಸರ್, ಭಾರತದಲ್ಲಿ ಬೇಗ ಹಾಕುವ ಜರ್ನಲ್ ಗೊತ್ತಾ" ಅಂತ ನಿಮ್ಮನ್ನು ಕೇಳಬಹುದು. ದಯವಿಟ್ಟು ದಲ್ಲಾಳಿ ಆಗಬೇಡಿ. ಬಡ ದೇಶಗಳ ಸಂಸ್ಥೆಗಳಿಗೆ ದೊಡ್ಡ ಜರ್ನಲ್‌ಗಳನ್ನು ಉಚಿತವಾಗಿ ಓದಲು ಕೊಡುವ ರಿಸರ್ಚ್4ಲೈಫ್ ಅಂತ ಒಂದು ವ್ಯವಸ್ಥೆ ಇದೆ. ನಿಮ್ಮ ಲೈಬ್ರರಿಯಲ್ಲಿ ಅದು ನಡೆಯುತ್ತಿದೆಯಾ ನೋಡಿ, ಇಲ್ಲದಿದ್ದರೆ ಹಿಂದೆ ಬಿದ್ದು ಮಾಡಿಸಿ. ನಿಮ್ಮಿಂದ ಆಗುವ ದೊಡ್ಡ ಉಪಕಾರ ಅದೇ ಇರಬಹುದು.

ಸಂಸಾರ ಕರೆತರುವ ವಿಷಯ. ದೇಶದ ಉತ್ತರ ತುದಿಯ ಟಿಗ್ರಾಯ್ ಪ್ರದೇಶದ ಯುದ್ಧ 2020ರ ನವೆಂಬರಿನಲ್ಲಿ ಶುರುವಾಗಿ 2022ರ ನವೆಂಬರಿನಲ್ಲಿ ಒಪ್ಪಂದದಿಂದ ನಿಂತಿತು. 2023ರಿಂದ ಅಮ್ಹಾರಾ ಪ್ರದೇಶದಲ್ಲಿ ಇನ್ನೊಂದು ಜಗಳ ಎದ್ದಿತು. ವಿದ್ಯಾರ್ಥಿಗಳು ಯಾವ ವಿಶ್ವವಿದ್ಯಾಲಯಕ್ಕೆ ಹೋಗಬೇಕು ಅಂತ ಬಹುಕಾಲ ಸಚಿವಾಲಯವೇ ಹಂಚುತ್ತಿತ್ತು. ಒಂದು ಮೂಲೆಯವರು ಇನ್ನೊಂದು ಮೂಲೆಗೆ ಬೀಳುತ್ತಿದ್ದರು. ದೇಶ ಒಂದಾಗಲಿ ಅನ್ನುವ ಆಸೆ. 2018-19ರ ಸುಮಾರಿಗೆ ಜನಾಂಗದ ಜಗಳ ಹಾಸ್ಟೆಲಿಗೇ ಬಂದಾಗ ಅದೇ ಮಕ್ಕಳು ಭಯಕ್ಕೆ ಊರಿಗೆ ಓಡಿದರು. ನೀವು ಹೋಗುವ ದಕ್ಷಿಣದ ಪಟ್ಟಣಗಳಲ್ಲಿ ನನ್ನ ಅನುಭವದಲ್ಲಿ ಜನ ಒಳ್ಳೆಯವರು, ದಿನದ ಬದುಕು ಶಾಂತ. ಆದರೂ ಮೊದಲ ಸೆಮಿಸ್ಟರ್ ಒಬ್ಬರೇ ಬನ್ನಿ. ಮಗುವಿಗೆ ಸ್ಕೂಲು ದೊಡ್ಡ ಪ್ರಶ್ನೆ. ಅಡಿಸ್ ಅಬಾಬಾದಲ್ಲಿ ಭಾರತೀಯರ ಶಾಲೆ ಇದೆ, ದಕ್ಷಿಣದ ಊರುಗಳಲ್ಲಿ ಅಂಥದ್ದು ನಾನು ಕಂಡಿಲ್ಲ.

ಸಹಿ ಹಾಕುವ ಮುಂಚೆ ಇಷ್ಟು ಬರಹದಲ್ಲಿ ಕೇಳಿ: ಸಂಬಳದಲ್ಲಿ ಎಷ್ಟು ಪಾಲು ಊರಿಗೆ ಕಳಿಸಬಹುದು, ಯಾವ ದರದಲ್ಲಿ, ಮನೆ ಯಾರು ಕೊಡುತ್ತಾರೆ, ವಾಪಸ್ ಟಿಕೆಟ್ ಯಾರದು. ಡಿಗ್ರಿ ಪತ್ರಗಳಿಗೆ ಏನೇನು ದೃಢೀಕರಣ ಬೇಕು ಅಂತ ದೆಹಲಿಯ ಇಥಿಯೋಪಿಯಾ ರಾಯಭಾರ ಕಚೇರಿಯಲ್ಲೇ ವಿಚಾರಿಸಿ, ಏಜೆಂಟನ್ನು ಕೇಳಬೇಡಿ. ಕಾಗದದ ಮೇಲಿನ ತಾರೀಖು ಯಾವ ಪಂಚಾಂಗದ್ದು ಅಂತಲೂ ನೋಡಿಕೊಳ್ಳಿ. ಇಲ್ಲಿ ವರ್ಷಕ್ಕೆ 13 ತಿಂಗಳು, ಹೊಸ ವರ್ಷ ಸೆಪ್ಟೆಂಬರ್ 11ಕ್ಕೆ, ಇಸವಿ ನಮಗಿಂತ ಏಳೆಂಟು ವರ್ಷ ಹಿಂದೆ. ಗಂಟೆಯನ್ನೂ ಬೆಳಗ್ಗೆ ಆರರಿಂದ ಎಣಿಸುತ್ತಾರೆ. ಎರಡು ಗಂಟೆಗೆ ಪರೀಕ್ಷೆ ಅಂತ ಯಾರಾದರೂ ಹೇಳಿದರೆ ಅದು ಬೆಳಗ್ಗೆ ಎಂಟಕ್ಕೆ. ಕಾಂಟ್ರಾಕ್ಟಿನ ಪ್ರತಿ ಕಳಿಸಿದರೆ ಓದಿ ನೋಡುತ್ತೇನೆ, ಹೆಸರು ಮತ್ತು ಪಾಸ್‌ಪೋರ್ಟ್ ನಂಬರ್ ಮುಚ್ಚಿ ಕಳಿಸಿ.